ಹೊಸ ಲ್ಯಾಪ್‌ಟಾಪ್ ಬೇಡ, ಮೊದಲು ವೈರ್ ಎಳೆಯಿರಿ

ಹಬ್ಬಕ್ಕೆ ಊರಿಗೆ ಬಂದವರು ಅಮೆರಿಕದಿಂದ ತಂದ ವಿಆರ್ ಹೆಡ್‌ಸೆಟ್‌ಗಳು (ಕಣ್ಣಿಗೆ ಕಟ್ಟಿಕೊಂಡರೆ ಆಟದ ಜಗತ್ತಿನೊಳಗೇ ಇದ್ದಂತೆ ತೋರಿಸುವ ಸಾಧನ) ಈ ಸಲ ಬಹಳ ಮನೆಗಳನ್ನು ಸೇರಿದಂತಿವೆ. ಬಂದ ಪತ್ರಗಳಲ್ಲಿ ಹೆಚ್ಚಿನವು ಅದರ ಬಗ್ಗೆಯೇ. ಶಿವಮೊಗ್ಗದ ನನ್ನ ರಿಪೇರಿ ಅಂಗಡಿಗೂ ವಾರಕ್ಕೊಂದು ಹೆಡ್‌ಸೆಟ್ ಬರುತ್ತದೆ. ಅದರಲ್ಲಿ ನಿಜವಾಗಿ ಕೆಟ್ಟಿರುವುದು ಬಹಳ ಅಪರೂಪ. ಆದ್ದರಿಂದ ಈ ಸಂಚಿಕೆಯ ಜಾಗವನ್ನೆಲ್ಲ ಈ ಪ್ರಶ್ನೆಗಳಿಗೇ ಬಿಟ್ಟಿದ್ದೇನೆ.

ಪ್ರಶ್ನೆ: ಮೇಡಂ, ನಮ್ಮದು ಸಾಗರದ ಹತ್ತಿರ ತೋಟದ ಮನೆ. ನಮ್ಮ ಭಾವ ನನ್ನ ಮಗನಿಗೆ ಮೆಟಾ ಕ್ವೆಸ್ಟ್ 3 ಹೆಡ್‌ಸೆಟ್ ತಂದುಕೊಟ್ಟರು. ಅದರೊಳಗೇ ಇರುವ ಆಟಗಳು ಚೆನ್ನಾಗಿ ನಡೆಯುತ್ತವೆ. ವೈಫೈ ಮೂಲಕ ಲ್ಯಾಪ್‌ಟಾಪಿನ ಆಟ ಆಡಲು ಹೋದರೆ ಚಿತ್ರ ಚೌಕ ಚೌಕವಾಗಿ ಒಡೆಯುತ್ತದೆ, ತಲೆ ತಿರುಗಿಸಿದರೆ ಅಂಚಿನಲ್ಲಿ ಕಪ್ಪು ಕಾಣುತ್ತದೆ ಅನ್ನುತ್ತಾನೆ. ಲ್ಯಾಪ್‌ಟಾಪಿನಲ್ಲಿ ಆರ್‌ಟಿಎಕ್ಸ್ 3060 ಗ್ರಾಫಿಕ್ಸ್ ಕಾರ್ಡ್, 16 ಜಿಬಿ ರ‍್ಯಾಮ್ ಇದೆ. ಪೇಟೆಯಲ್ಲಿ ವಿಚಾರಿಸಿದರೆ ಒಂದೂವರೆ ಲಕ್ಷದ ಹೊಸ ಲ್ಯಾಪ್‌ಟಾಪೇ ಬೇಕು ಅಂದರು. ಅಡಿಕೆ ಮಾರಿ ಕೊಡಿಸಲೇ?
— ಕೃಷಿಕರು, ಸಾಗರ ತಾಲ್ಲೂಕು

ಉತ್ತರ: ಕೊಡಿಸಬೇಡಿ. ನಿಮ್ಮ ಮಗನ ಲ್ಯಾಪ್‌ಟಾಪ್ ಸಾಕು. ಕಂಪ್ಯೂಟರಿನ ವಿಆರ್ ಆಟಗಳಲ್ಲಿ ದೊಡ್ಡ ಹೆಸರಾದ, 2020ರಲ್ಲಿ ಬಂದ ಹಾಫ್-ಲೈಫ್: ಅಲಿಕ್ಸ್ ಕೇಳುವುದೇ ಕನಿಷ್ಠ ಜಿಟಿಎಕ್ಸ್ 1060 ಕಾರ್ಡ್, 12 ಜಿಬಿ ರ‍್ಯಾಮ್. ನಿಮ್ಮಲ್ಲಿ ಅದಕ್ಕಿಂತ ಹೆಚ್ಚೇ ಇದೆ.

ಒಳಗೆ ಏನಾಗುತ್ತದೆ ಎಂದು ಗೊತ್ತಾದರೆ ತಪ್ಪು ಎಲ್ಲಿದೆ ಎನ್ನುವುದೂ ಗೊತ್ತಾಗುತ್ತದೆ. ಕ್ವೆಸ್ಟ್ 3 ತಾನೇ ಒಂದು ಪುಟ್ಟ ಕಂಪ್ಯೂಟರ್. ಅದರ ಸ್ವಂತ ಆಟ ಆಡುವಾಗ ಹೊರಗಿನ ಯಾರ ಸಹಾಯವೂ ಬೇಡ. ಲ್ಯಾಪ್‌ಟಾಪಿನ ಆಟವಾದರೆ ಲ್ಯಾಪ್‌ಟಾಪ್ ಎರಡು ಕಣ್ಣಿಗೆ ಎರಡು ಚಿತ್ರ ಬರೆದು, ವಿಡಿಯೋ ಮಾಡಿ ಒತ್ತಿ, ರೌಟರಿಗೆ ಕೊಡುತ್ತದೆ. ರೌಟರ್ ಅದನ್ನು ಹೆಡ್‌ಸೆಟ್‌ಗೆ ಕಳಿಸುತ್ತದೆ. ಹೆಡ್‌ಸೆಟ್ ಬಿಚ್ಚಿ ತೋರಿಸುತ್ತದೆ. ಅಷ್ಟರಲ್ಲಿ ತಲೆ ಎತ್ತ ತಿರುಗಿತು ಎಂಬ ಸುದ್ದಿ ಅದೇ ದಾರಿಯಲ್ಲಿ ವಾಪಸ್ ಹೋಗಬೇಕು. ಸೆಕೆಂಡಿಗೆ 90 ಚಿತ್ರದ ಲೆಕ್ಕದಲ್ಲಿ ಒಂದು ಚಿತ್ರಕ್ಕೆ ಸಿಗುವ ಸಮಯ ಸುಮಾರು 11 ಮಿಲಿಸೆಕೆಂಡ್. ಚಿತ್ರ ತಡವಾಗಿ ಬಂದರೆ ತಲೆ ಮುಂದೆ ಹೋಗಿರುತ್ತದೆ, ಚಿತ್ರ ಹಿಂದೆ ಉಳಿದಿರುತ್ತದೆ. ನಿಮ್ಮ ಮಗ ಹೇಳುವ ಕಪ್ಪು ಅಂಚು ಅದೇ. ಚೌಕಗಳು ಎಂದರೆ ದಾರಿಯಲ್ಲಿ ಮಾಹಿತಿ ಸೋರಿದೆ ಎಂದರ್ಥ. ಎರಡೂ ಒಟ್ಟಿಗೆ ಇದ್ದರೆ ನನ್ನ ಅನುಮಾನ ಮೊದಲು ಹೋಗುವುದು ರೌಟರಿನ ಕಡೆಗೆ.

ಖರ್ಚಿಲ್ಲದ ಒಂದು ಪರೀಕ್ಷೆ ಇದೆ, ಇವತ್ತೇ ಮಾಡಿ. ಲ್ಯಾಪ್‌ಟಾಪನ್ನು ರೌಟರ್ ಇರುವಲ್ಲಿಗೇ ಒಯ್ದು, ಲ್ಯಾನ್ ಕೇಬಲ್‌ನಿಂದ ರೌಟರಿಗೆ ಜೋಡಿಸಿ. ಲ್ಯಾಪ್‌ಟಾಪಿನ ವೈಫೈ ಆಫ್ ಮಾಡಿ. ಹೆಡ್‌ಸೆಟ್ ಮಾತ್ರ ರೌಟರಿನ ವೇಗದ 5 ಗಿಗಾಹರ್ಟ್ಸ್ ವೈಫೈಯಲ್ಲಿ ಇರಲಿ, ಮಗ ಅದೇ ಕೋಣೆಯಲ್ಲಿ ನಿಂತು ಆಡಲಿ. ಚಿತ್ರ ನೀರಿನಂತೆ ಸರಾಗವಾಗಿ ಬಂದರೆ ಒಂದೂವರೆ ಲಕ್ಷ ಉಳಿಯಿತು.

ಹಳೆಯ ಜಂಬಿಟ್ಟಿಗೆ ಗೋಡೆಯ ಮನೆಗಳಲ್ಲಿ 5 ಗಿಗಾಹರ್ಟ್ಸ್ ಒಂದು ಗೋಡೆ ದಾಟುವಷ್ಟರಲ್ಲೇ ಸೊರಗುತ್ತದೆ. ಗೋಡೆ ದಾಟಬಲ್ಲ 2.4 ಗಿಗಾಹರ್ಟ್ಸ್‌ಗೆ ಇಷ್ಟು ಹೊರೆ ಹೊರುವ ಶಕ್ತಿ ಇಲ್ಲ. ಅದರ ಮೇಲೆ ಲ್ಯಾಪ್‌ಟಾಪ್, ಹೆಡ್‌ಸೆಟ್ ಎರಡೂ ವೈಫೈಯಲ್ಲೇ ಇದ್ದರೆ ಒಂದೇ ಚಿತ್ರ ಅದೇ ಗಾಳಿಯಲ್ಲಿ ಎರಡು ಸಲ ಹಾಯಬೇಕು. ಅರ್ಧ ದಾರಿಯನ್ನು ವೈರಿಗೆ ಕೊಟ್ಟುಬಿಡಿ. ಕ್ಯಾಟ್ 5ಇ ಕೇಬಲ್ ಸಾಕು, 100 ಮೀಟರ್‌ವರೆಗೆ ಗಿಗಾಬಿಟ್ ವೇಗ ಕೊಡುತ್ತದೆ. ಅಟ್ಟದ ಮೇಲೆ ಎಳೆಯುವುದಾದರೆ ಪಿವಿಸಿ ಪೈಪಿನೊಳಗೆ ಹಾಕಿಸಿ, ಇಲಿ ಕಡಿದ ಕೇಬಲ್‌ಗಳನ್ನು ನಾನು ಬೇಕಾದಷ್ಟು ನೋಡಿದ್ದೇನೆ. ಲ್ಯಾಪ್‌ಟಾಪಿನಲ್ಲಿ ಲ್ಯಾನ್ ಪೋರ್ಟ್ ಇಲ್ಲದಿದ್ದರೆ ಯುಎಸ್‌ಬಿಗೆ ಹಾಕುವ ಗಿಗಾಬಿಟ್ ಅಡಾಪ್ಟರ್ ಸಿಗುತ್ತದೆ.

ಕೇಬಲ್ ಹಾಕಿದ ಮೇಲೆ ವಿಂಡೋಸ್‌ನ ನೆಟ್‌ವರ್ಕ್ ಸೆಟ್ಟಿಂಗ್ಸ್‌ನಲ್ಲಿ ಲಿಂಕ್ ಸ್ಪೀಡ್ ಎಂಬ ಸಾಲನ್ನು ಖಂಡಿತ ನೋಡಿ. ಅಲ್ಲಿ 1000/1000 ಎಂದು ಇರಬೇಕು. 100/100 ಎಂದು ತೋರಿಸಿದರೆ ರೌಟರಿನ ಪೋರ್ಟೇ ಹಳೆಯದಿರಬಹುದು, ಇಲ್ಲವೇ ಕೇಬಲ್ ತುದಿಯಲ್ಲಿ ತಪ್ಪಿರಬಹುದು. ಕಳೆದ ತಿಂಗಳು ಭದ್ರಾವತಿಯ ಒಂದು ಮನೆಯಲ್ಲಿ ಹೀಗೇ ಆಗಿತ್ತು. ಪಾರದರ್ಶಕ ಪ್ಲಗ್ಗನ್ನು ಟಾರ್ಚಿಗೆ ಹಿಡಿದು ನೋಡಿದೆ. ಎಂಟು ತಂತಿಗಳಲ್ಲಿ ಕಂದು ಬಣ್ಣದ್ದು ಮಾತ್ರ ಉಳಿದವಕ್ಕಿಂತ ಒಂದು ಅಕ್ಕಿಕಾಳಿನಷ್ಟು ಗಿಡ್ಡ, ಪಿನ್ನಿಗೆ ತಾಗಿರಲೇ ಇಲ್ಲ. ನೂರರ ವೇಗಕ್ಕೆ ನಾಲ್ಕು ತಂತಿ ಸಾಕು, ಸಾವಿರಕ್ಕೆ ಎಂಟೂ ಬೇಕು. ಹೊಸ ಪ್ಲಗ್ ಒತ್ತಿದೆ, ಮುಗಿಯಿತು. ಅವರು ಆ ಕಾರಣಕ್ಕೆ ಆರು ತಿಂಗಳು ಹೆಡ್‌ಸೆಟ್ಟನ್ನು ಬೀರುವಿನಲ್ಲಿ ಇಟ್ಟಿದ್ದರು.

ಇಂಟರ್ನೆಟ್ ಪ್ಲಾನ್ ಹೆಚ್ಚಿಸಲು ಹೋಗಬೇಡಿ. ಈ ಚಿತ್ರ ನಿಮ್ಮ ಮನೆಯೊಳಗೇ ಓಡಾಡುತ್ತದೆ, ಹೊರಗೆ ಹೋಗುವುದೇ ಇಲ್ಲ.

ಜೋಡಣೆಗೆ ಸ್ಟೀಮ್ ಲಿಂಕ್ ಎಂಬ ಆ್ಯಪ್ ಬಳಸಿ. 2023ರ ಕೊನೆಯಲ್ಲಿ ಕ್ವೆಸ್ಟ್‌ಗೆ ಬಂತು, ಉಚಿತ. ಲ್ಯಾಪ್‌ಟಾಪಿನಲ್ಲಿ ಕಂಪ್ಯೂಟರ್ ಆಟಗಳ ಅಂಗಡಿಯಾದ ಸ್ಟೀಮ್ ಹಾಕಿ, ಅದರೊಳಗೆ ವಿಆರ್ ಆಟ ನಡೆಸುವ ಸ್ಟೀಮ್‌ವಿಆರ್ ಇಳಿಸಿ. ಹೆಡ್‌ಸೆಟ್‌ನ ಸ್ಟೋರಿನಿಂದ ಸ್ಟೀಮ್ ಲಿಂಕ್ ಇಳಿಸಿ ತೆರೆದರೆ ಅದೇ ರೌಟರಿನಲ್ಲಿರುವ ಲ್ಯಾಪ್‌ಟಾಪನ್ನು ತಾನೇ ಹುಡುಕುತ್ತದೆ, ಒಂದು ಸಂಖ್ಯೆ ತೋರಿಸುತ್ತದೆ. ಅದನ್ನು ಲ್ಯಾಪ್‌ಟಾಪಿನಲ್ಲಿ ಒತ್ತಿದರೆ ಆಯಿತು. ಆಡುವಾಗ ಲ್ಯಾಪ್‌ಟಾಪಿಗೆ ಚಾರ್ಜರ್ ಸಿಕ್ಕಿಸಿಯೇ ಇರಲಿ, ಬ್ಯಾಟರಿಯಲ್ಲಿ ಗ್ರಾಫಿಕ್ಸ್ ಕಾರ್ಡ್ ತನ್ನ ಪೂರ್ತಿ ಶಕ್ತಿ ಕೊಡುವುದಿಲ್ಲ. ರೌಟರನ್ನು ಇನ್‌ವರ್ಟರ್ ಲೈನಿಗೆ ಹಾಕಿಸಿ. ಕರೆಂಟ್ ಹೋದಾಗ ಲ್ಯಾಪ್‌ಟಾಪ್ ಉಳಿಯುತ್ತದೆ, ಹೆಡ್‌ಸೆಟ್ ಉಳಿಯುತ್ತದೆ, ನಡುವಿನ ರೌಟರ್ ಮಾತ್ರ ಆರಿ ಕಣ್ಣೆದುರಿನ ಜಗತ್ತು ಗಪ್ಪನೆ ನಿಂತುಬಿಡುತ್ತದೆ. ನಿಂತುಕೊಂಡು ಆಡುವವರಿಗೆ ಅದು ಅಪಾಯ.

ಪ್ರಶ್ನೆ: ಅಕ್ಕಾ, ನಾನು ಪಿಯುಸಿ ಓದುತ್ತಿದ್ದೇನೆ. ಕ್ವೆಸ್ಟ್ 2ನ್ನು ಫೋನ್ ಚಾರ್ಜರಿನ ಕೇಬಲ್‌ನಿಂದ ಡೆಸ್ಕ್‌ಟಾಪಿಗೆ ಹಾಕಿದೆ. ಕೆಲವು ಸಲ ಕನೆಕ್ಟ್ ಆಗುತ್ತದೆ, ಕೆಲವು ಸಲ ಇಲ್ಲ. ಕೇಬಲ್ ಹಾಕಿದ್ದರೂ ಬ್ಯಾಟರಿ ಇಳಿಯುತ್ತದೆ, ಯಾಕೆ?
— ವಿದ್ಯಾರ್ಥಿ, ಹಾವೇರಿ

ಉತ್ತರ: ಫೋನಿನ ಜೊತೆ ಬರುವ ಕೇಬಲ್‌ಗಳಲ್ಲಿ ಹೆಚ್ಚಿನವು ಯುಎಸ್‌ಬಿ 2. ಅವುಗಳ ಮಿತಿ ಸೆಕೆಂಡಿಗೆ 480 ಮೆಗಾಬಿಟ್. ಅದರಲ್ಲೂ ಆಟ ನಡೆಯುತ್ತದೆ, ಆದರೆ ಕೇಬಲ್ ಗುಣಮಟ್ಟದ್ದಲ್ಲದಿದ್ದರೆ ನೀನು ಹೇಳಿದಂತೆ ಒಮ್ಮೆ ಬರುತ್ತದೆ, ಒಮ್ಮೆ ಹೋಗುತ್ತದೆ. ಕೊಳ್ಳುವಾಗ ಯುಎಸ್‌ಬಿ 3 ಎಂದು ಕೇಳು. ಕ್ಯಾಬಿನೆಟ್ಟಿನ ಮುಂದಿನ ಪೋರ್ಟ್ ಬಿಡು, ಹಿಂಭಾಗದಲ್ಲಿ ಮದರ್‌ಬೋರ್ಡಿನಲ್ಲೇ ಇರುವ ಪೋರ್ಟಿಗೆ ಹಾಕು. ಹೆಡ್‌ಸೆಟ್ ಕುಡಿಯುವಷ್ಟು ಕರೆಂಟನ್ನು ಕಂಪ್ಯೂಟರಿನ ಪೋರ್ಟ್ ಕೊಡದಿದ್ದರೆ ಬ್ಯಾಟರಿ ನಿಧಾನಕ್ಕೆ ಇಳಿಯುತ್ತದೆ, ಅದು ದೋಷವಲ್ಲ. ಪೂರ್ತಿ ಚಾರ್ಜ್ ಮಾಡಿ ಶುರು ಮಾಡು. ಕೇಬಲ್ ಹಾಕಿದ ಕೂಡಲೇ ಹೆಡ್‌ಸೆಟ್ ಒಳಗೆ ಅನುಮತಿ ಕೇಳುವ ಕಿಟಕಿ ಬರುತ್ತದೆ. ಅದನ್ನು ಒಪ್ಪದೆ ಬಿಟ್ಟು, ಕೆಟ್ಟಿದೆ ಎಂದು ತರುವವರೇ ಜಾಸ್ತಿ.

ಪ್ರಶ್ನೆ: ಸೆಕೆಂಡ್ ಹ್ಯಾಂಡ್‌ನಲ್ಲಿ ಎಚ್‌ಪಿ ರಿವರ್ಬ್ ಜಿ2 ಕೊಂಡೆ. ನನ್ನ ವಿಂಡೋಸ್ 11 ಕಂಪ್ಯೂಟರ್ ಅದನ್ನು ಗುರುತಿಸುವುದೇ ಇಲ್ಲ. ಮಾರಿದವರು ತಮ್ಮ ಬಳಿ ಸರಿಯಿತ್ತು ಅನ್ನುತ್ತಾರೆ.
— ಹೆಸರು ಬೇಡ, ಹುಬ್ಬಳ್ಳಿ

ಉತ್ತರ: ಇಬ್ಬರೂ ನಿಜ ಹೇಳುತ್ತಿರಬಹುದು. ಆ ಹೆಡ್‌ಸೆಟ್ ನಡೆಯುತ್ತಿದ್ದದ್ದು ವಿಂಡೋಸ್ ಮಿಕ್ಸ್‌ಡ್ ರಿಯಾಲಿಟಿ ಎಂಬ ವ್ಯವಸ್ಥೆಯ ಮೇಲೆ. 2024ರಲ್ಲಿ ಬಂದ ವಿಂಡೋಸ್ 11ರ 24ಎಚ್2 ಆವೃತ್ತಿಯಿಂದ ಮೈಕ್ರೋಸಾಫ್ಟ್ ಅದನ್ನು ತೆಗೆದುಹಾಕಿತು. ಹಳೆಯ ವಿಂಡೋಸ್ ಇದ್ದ ಮನೆಯಲ್ಲಿ ಓಡಿದ್ದು ನಿಮ್ಮಲ್ಲಿ ಓಡುವುದಿಲ್ಲ. ಒಳ್ಳೆಯ ಗಾಜು, ಒಳ್ಳೆಯ ಪರದೆ ಇರುವ ವಸ್ತು ಹೀಗೆ ಮೂಲೆಗೆ ಬೀಳುವುದು ನನಗೆ ಸಂಕಟದ ವಿಷಯ. ನಿಮ್ಮದು ಎನ್‌ವಿಡಿಯಾ ಕಂಪನಿಯ ಗ್ರಾಫಿಕ್ಸ್ ಕಾರ್ಡ್ ಆಗಿದ್ದರೆ ಸ್ಟೀಮ್‌ನಲ್ಲಿ ಓಯಸಿಸ್ ಎಂಬ ಉಚಿತ ಡ್ರೈವರ್ ಇದೆ, ಅದನ್ನು ಹಾಕಿ ನೋಡಿ. ಹೆಡ್‌ಸೆಟ್‌ನ ಡಿಸ್‌ಪ್ಲೇಪೋರ್ಟ್ ವೈರ್ ಗ್ರಾಫಿಕ್ಸ್ ಕಾರ್ಡಿಗೇ ಹೋಗಿರಬೇಕು, ಮದರ್‌ಬೋರ್ಡಿನ ಪೋರ್ಟಿಗಲ್ಲ. ಎನ್‌ವಿಡಿಯಾ ಇಲ್ಲದಿದ್ದರೆ ಹಿಂದಿರುಗಿಸುವ ಮಾತನ್ನು ಬೇಗ ಆಡಿ.

ಪ್ರಶ್ನೆ: ಮೇಡಂ, ನನಗೆ ನಲವತ್ತೆರಡು, ಕನ್ನಡಕ ಇದೆ. ಮಗಳ ಹೆಡ್‌ಸೆಟ್ ಹಾಕಿಕೊಂಡು ಐದು ನಿಮಿಷ ಆಟದಲ್ಲಿ ನಡೆದಾಡಿದೆ, ವಾಕರಿಕೆ ಬಂದು ಮಲಗಿದವಳು ಸಂಜೆಗೆ ಎದ್ದೆ. ನನಗೆ ಇದು ಆಗಿಬರುವುದಿಲ್ಲವೇ?
— ಗೃಹಿಣಿ, ದಾವಣಗೆರೆ

ಉತ್ತರ: ಆಗುಂಬೆ ಘಾಟಿಯಲ್ಲಿ ಬಸ್ಸಿನೊಳಗೆ ಪುಸ್ತಕ ಓದಿದರೆ ಏನಾಗುತ್ತದೋ ಇದೂ ಅದೇ, ತಲೆಕೆಳಗಾಗಿ. ಬಸ್ಸಿನಲ್ಲಿ ಒಳಕಿವಿ ‘ತಿರುಗುತ್ತಿದ್ದೇನೆ’ ಅನ್ನುತ್ತದೆ, ಪುಟದ ಮೇಲಿರುವ ಕಣ್ಣು ‘ಇಲ್ಲ’ ಅನ್ನುತ್ತದೆ. ಇಲ್ಲಿ ಕಣ್ಣು ‘ನಡೆಯುತ್ತಿದ್ದೇನೆ’ ಅನ್ನುತ್ತದೆ, ನೀವು ನಿಂತಲ್ಲೇ ನಿಂತಿದ್ದೀರಿ. ಆದ್ದರಿಂದ ಮೊದಲ ದಿನವೇ ಕೈಯಲ್ಲಿನ ಕಂಟ್ರೋಲರಿನ ಕಡ್ಡಿ ತಳ್ಳಿ ನಡೆದಾಡುವ ಆಟ ನಿಮಗೆ ಸಲ್ಲದು. ನಿಂತಲ್ಲೇ ಆಡುವ ಆಟದಿಂದ ಶುರು ಮಾಡಿ. ನಡೆಯಲೇಬೇಕಾದ ಆಟವಾದರೆ ಸೆಟ್ಟಿಂಗ್ಸ್‌ನಲ್ಲಿ ಟೆಲಿಪೋರ್ಟ್ ಆರಿಸಿ, ಜಾಗದಿಂದ ಜಾಗಕ್ಕೆ ನೆಗೆಯುವ ಕ್ರಮ ಅದು. ತಿರುಗಲು ಸ್ನ್ಯಾಪ್ ಟರ್ನ್ ಇರಲಿ, ಒಂದೊಂದೇ ಹೆಜ್ಜೆಯಾಗಿ ಥಟ್ಟನೆ ತಿರುಗುವ ಕ್ರಮ ಅದು. ಹತ್ತೇ ನಿಮಿಷ ಸಾಕು. ಹೊಟ್ಟೆ ತೊಳೆಸಿದಂತಾದ ಕ್ಷಣವೇ ತೆಗೆದಿಡಿ. ಇನ್ನೊಂದು ಸ್ವಲ್ಪ ನೋಡೋಣ ಎಂದು ತಡೆದುಕೊಂಡರೆ ಮರುದಿನ ಹೆಡ್‌ಸೆಟ್ ನೋಡಿದರೇ ವಾಕರಿಕೆ ಬರುತ್ತದೆ. ಎದುರಿಗೆ ಟೇಬಲ್ ಫ್ಯಾನ್ ಇಟ್ಟುಕೊಳ್ಳಿ, ನನಗೆ ಅದರಿಂದ ಬಹಳ ಉಪಕಾರವಾಗಿದೆ. ಆಡಿದ ಕೂಡಲೇ ಸ್ಕೂಟರ್ ಹತ್ತಬೇಡಿ.

ಇನ್ನೊಂದು ಕಾರಣವೂ ಇರಬಹುದು. ಮಗಳ ಕಣ್ಣುಗಳ ನಡುವಿನ ಅಂತರಕ್ಕೆ ಹೊಂದಿಸಿದ ಲೆನ್ಸಿನಲ್ಲಿ ನೀವು ನೋಡಿದ್ದೀರಿ. ಕನ್ನಡಕದ ಅಂಗಡಿಯ ಚೀಟಿಯಲ್ಲಿ ಪಿಡಿ ಎಂದು ಮಿಲಿಮೀಟರಿನಲ್ಲಿ ಬರೆದಿರುತ್ತಾರೆ, ಇಲ್ಲದಿದ್ದರೆ ಕೇಳಿದರೆ ಅಳೆದು ಕೊಡುತ್ತಾರೆ. ಕ್ವೆಸ್ಟ್ 2 ಆದರೆ 58, 63, 68 ಎಂಬ ಮೂರೇ ಸ್ಥಾನ, ಹತ್ತಿರದ್ದಕ್ಕೆ ಸರಿಸಿ. ಕ್ವೆಸ್ಟ್ 3 ಆದರೆ ಕೆಳಗಿನ ಚಕ್ರ ತಿರುಗಿಸಿ. ಕನ್ನಡಕದ ಗಾಜು ಲೆನ್ಸಿಗೆ ತಾಗದಷ್ಟು ದೂರ ಇಡಿ, ತಾಗಿದರೆ ಗೀರು ಬೀಳುತ್ತದೆ. ಬಿದ್ದ ಗೀರು ಹೋಗುವುದಿಲ್ಲ.

ಗಾಜಿನ ಮಾತು ಬಂದದ್ದಕ್ಕೆ ಎಲ್ಲರಿಗೂ ಒಂದು ವಿಷಯ ಹೇಳುತ್ತೇನೆ. ನನ್ನ ಮೊದಲ ಹೆಡ್‌ಸೆಟ್ಟನ್ನು ಒಂದು ಬೆಳಿಗ್ಗೆ ಲೆನ್ಸ್ ಮೇಲೆ ಮಾಡಿ ಕಿಟಕಿ ಪಕ್ಕದ ಮೇಜಿನ ಮೇಲಿಟ್ಟು ದೋಸೆ ಹುಯ್ಯಲು ಹೋದೆ. ಪೂರ್ವದ ಕಿಟಕಿ. ಬಂದು ನೋಡುವಾಗ ಬಿಸಿಲು ಮೇಜಿನ ಅಂಚಿಗೆ ಸರಿದಾಗಿತ್ತು. ಹಾಕಿಕೊಂಡೆ, ಬಲಗಣ್ಣಿನಲ್ಲಿ ಬಾಗಿದ ಒಂದು ಹಳದಿ ಗೆರೆ, ಉಗುರಿನಿಂದ ಒತ್ತಿದ ಹಾಗೆ. ಆ ಲೆನ್ಸ್ ಭೂತಗನ್ನಡಿಯೇ, ಬಿಸಿಲನ್ನು ಒಂದೇ ಬಿಂದುವಿಗೆ ಕೂಡಿಸಿ ಪರದೆಯನ್ನು ಸುಡುತ್ತದೆ. ಅದಕ್ಕೆ ರಿಪೇರಿ ಇಲ್ಲ, ಆ ದಿನ ನಾನು ಅತ್ತಿದ್ದೂ ಹೌದು. ತೆಗೆದ ತಕ್ಷಣ ಬಟ್ಟೆಯ ಚೀಲಕ್ಕೆ ಹಾಕಿ, ಇಲ್ಲವೇ ಲೆನ್ಸ್ ಮೇಲೆ ಬಟ್ಟೆ ಮುಚ್ಚಿ. ಒರೆಸಲು ಒಣ ಮೈಕ್ರೋಫೈಬರ್ ಬಟ್ಟೆ ಮಾತ್ರ, ಸ್ಪಿರಿಟ್ ಬೇಡ.

ಪ್ರಶ್ನೆ: ನಿವೃತ್ತ ಶಿಕ್ಷಕ ನಾನು. ಮೊಮ್ಮಗನ ಕ್ವೆಸ್ಟ್ ಹಗಲು ಚೆನ್ನಾಗಿರುತ್ತದೆ, ಸಂಜೆ ಟ್ಯೂಬ್‌ಲೈಟಿನಲ್ಲಿ ಆಟದೊಳಗೆ ಕಾಣುವ ಕೈಗಳು ತೇಲಿಹೋಗುತ್ತವೆ. ಅವನಿಗೆ ಒಂಬತ್ತು ವರ್ಷ. ಜೊತೆಗೆ, ಆಟ ಬೇಡವೆನ್ನುವ ನನ್ನಂಥವರಿಗೆ ಇದರಲ್ಲಿ ಏನಿದೆ?
— ಓದುಗರು, ಉಡುಪಿ

ಉತ್ತರ: ಗುರುಗಳೇ, ಹೆಡ್‌ಸೆಟ್ ತನ್ನ ಕ್ಯಾಮೆರಾಗಳಿಂದ ಕೋಣೆಯನ್ನೂ ಕೈಯಲ್ಲಿನ ಕಂಟ್ರೋಲರನ್ನೂ ನೋಡುತ್ತಿರುತ್ತದೆ. ಅಮೆರಿಕದ ವಿದ್ಯುತ್ತು 60 ಹರ್ಟ್ಸ್, ನಮ್ಮದು 50. ಹಳೆಯ ಟ್ಯೂಬ್‌ಲೈಟಿನ ಮಿಣುಕು ನಮ್ಮ ಕಣ್ಣಿಗೆ ಕಾಣದಿದ್ದರೂ ಕ್ಯಾಮೆರಾಕ್ಕೆ ಕಾಣುತ್ತದೆ. ಸೆಟ್ಟಿಂಗ್ಸ್‌ನ ಟ್ರ್ಯಾಕಿಂಗ್ ಭಾಗದಲ್ಲಿ ಟ್ರ್ಯಾಕಿಂಗ್ ಫ್ರೀಕ್ವೆನ್ಸಿ ಎಂಬುದನ್ನು 50 ಹರ್ಟ್ಸ್‌ಗೆ ಇಡಿ. ಬೀರುವಿನ ಕನ್ನಡಿಗೆ ಬಟ್ಟೆ ಹಾಕಿ, ಪ್ರತಿಬಿಂಬ ಅದನ್ನು ಗೊಂದಲಕ್ಕೆ ಕೆಡವುತ್ತದೆ. ಸೀಲಿಂಗ್ ಫ್ಯಾನ್ ಕೆಳಗೆ ಯಾರನ್ನೂ ನಿಂತು ಆಡಲು ಬಿಡಬೇಡಿ. ಹೆಡ್‌ಸೆಟ್ ನೆಲದ ಮೇಲೆ ಗಡಿ ಎಳೆದು ಎಚ್ಚರಿಸುತ್ತದೆ, ತಲೆಯ ಮೇಲೆ ತಿರುಗುವುದರ ಬಗ್ಗೆ ಏನೂ ಹೇಳುವುದಿಲ್ಲ.

ಮೊಮ್ಮಗನ ವಿಷಯ: ಮೆಟಾ ಕಂಪನಿಯೇ ಹಾಕಿರುವ ಕನಿಷ್ಠ ವಯಸ್ಸು 10, ಅದೂ ಹೆತ್ತವರ ನಿಗಾದ ಖಾತೆಯಲ್ಲಿ. ಒಂದು ವರ್ಷ ಕಾಯಲಿ.

ನಿಮಗೆ ಗೂಗಲ್ ಅರ್ಥ್ ವಿಆರ್ ಇದೆ. 2016ರಲ್ಲಿ ಬಂದದ್ದು, ಕಂಪ್ಯೂಟರಿನ ಸ್ಟೀಮ್‌ನಲ್ಲಿ ಉಚಿತ. ಭೂಗೋಳ ನಿಮ್ಮೆದುರು ತೇಲುತ್ತಿರುತ್ತದೆ, ತಿರುಗಿಸಿ ಬೇಕಾದ ಕಡೆ ಇಳಿಯಬಹುದು. ನಮ್ಮ ಅತ್ತೆಯ ತವರು ಶರಾವತಿ ಕಣಿವೆಯಲ್ಲಿತ್ತು. 1964ರಲ್ಲಿ ಮುಗಿದ ಲಿಂಗನಮಕ್ಕಿ ಅಣೆಕಟ್ಟಿನ ನೀರಿನಡಿ ಹೋಯಿತು. ಹೋದ ವರ್ಷ ಅವರನ್ನು ಕೂರಿಸಿ, ಮೆಲ್ಲಗೆ ಅಲ್ಲಿಗೆ ಇಳಿಸಿದೆ. ಸುತ್ತ ನಡುಗಡ್ಡೆಗಳಂತೆ ನಿಂತ ಗುಡ್ಡದ ತಲೆಗಳನ್ನು ಒಂದೊಂದಾಗಿ ನೋಡುತ್ತ, ಬಲಗೈ ಚಾಚಿ, ‘ಇದರ ಬುಡದಲ್ಲೇ ನಮ್ಮ ಗದ್ದೆ’ ಎಂದರು. ಕೈ ಬಹಳ ಹೊತ್ತು ಹಾಗೇ ಇತ್ತು. ನೀವು ನೋಡುವಾಗ ಕೈ ಇರುವ ಕುರ್ಚಿಯಲ್ಲೇ ಕೂತು ನೋಡಿ, ಗುರುಗಳೇ. ಎತ್ತರದಿಂದ ಇಳಿಯುವಾಗ ಹಿಡಿದುಕೊಳ್ಳಲು ಏನಾದರೂ ಬೇಕಾಗುತ್ತದೆ.