‘ಅವನು’ ಎಂದರೆ ‘ಅವಳು’ ಕೂಡ: ಯಾರ ಶ್ಲೇಷೆ ದೊಡ್ಡದು?

ಕಳೆದ ಸಂಚಿಕೆಯ ಲೇಖನವೊಂದರಲ್ಲಿ ‘ಹರ್‌ಸ್ಟೋರಿ’ (‘ಹಿಸ್ಟರಿ’ಯ ‘ಹಿಸ್’ ಅಂದರೆ ‘ಅವನ’ ಎಂಬುದನ್ನು ತೆಗೆದು ‘ಹರ್’ ಅಂದರೆ ‘ಅವಳ’ ಎಂದು ಇಟ್ಟದ್ದು) ಎಂಬ ಮಾತು ಬಂದದ್ದನ್ನು ಆಕ್ಷೇಪಿಸಿ ಶಿವಮೊಗ್ಗದ ನಿವೃತ್ತ ಇಂಗ್ಲಿಷ್ ಅಧ್ಯಾಪಕರೊಬ್ಬರು ನಾಲ್ಕು ಪುಟಗಳ ಪತ್ರ ಬರೆದಿದ್ದಾರೆ. ಅವರ ವಾದದ ತಿರುಳು ಇಷ್ಟು: ‘ಹಿಸ್ಟರಿ’ಯಲ್ಲಿ ‘ಹಿಸ್’ ಕಂಡು ಸಿಟ್ಟಾಗುವವರಿಗೆ ಶಬ್ದದ ಮೂಲ ತಿಳಿದಿಲ್ಲ; ‘ವಿಮಿನ್’ (‘ವಿಮೆನ್’ನಿಂದ ‘ಮೆನ್’ ತೆಗೆದ ಕಾಗುಣಿತ), ‘ಚೇರ್‌ಪರ್ಸನ್’, ‘ಮ್ಯಾನ್‌ಸ್ಪ್ಲೇನಿಂಗ್’ (ತಿಳಿದ ಹೆಂಗಸಿಗೇ ಗಂಡಸು ಪಾಠ ಹೇಳುವುದು) ಮುಂತಾದವು ಕೆಲಸವಿಲ್ಲದವರು ಹೊಸೆದ ಪದಗಳು; ಇವುಗಳಿಂದ ಯಾವ ಹೆಂಗಸಿನ ಬದುಕೂ ಬದಲಾಗಿಲ್ಲ; ‘ಅವರು’ ಎಂಬ ಸರ್ವನಾಮವಿರುವ ಕನ್ನಡಕ್ಕಂತೂ ಈ ರಗಳೆ ಬೇಕೇ ಇಲ್ಲ. ನಮ್ಮ ಕ್ರೀಡಾ ಪುಟದಲ್ಲಿ ‘ಬ್ಯಾಟ್ಸ್‌ಮನ್’ ಹೋಗಿ ‘ಬ್ಯಾಟರ್’ ಬಂದಿರುವುದಕ್ಕೂ ಅವರಿಗೆ ಬೇಸರವಿದೆ.

ಮಾನ್ಯ ಮೇಷ್ಟ್ರೇ,

ಮೊದಲಿಗೆ ನಿಮಗೆ ಸಲ್ಲಬೇಕಾದದ್ದನ್ನು ಸಲ್ಲಿಸಿಬಿಡುತ್ತೇನೆ. ಶಬ್ದಮೂಲದ ಮಟ್ಟಿಗೆ ನೀವು ಹೇಳಿದ್ದು ಸರಿ. ‘ಹಿಸ್ಟರಿ’ ಗ್ರೀಕಿನ ‘ಹಿಸ್ಟೋರಿಯಾ’ದಿಂದ ಬಂದದ್ದು, ಅದಕ್ಕೆ ವಿಚಾರಿಸಿ ತಿಳಿದದ್ದು ಎಂದು ಅರ್ಥ, ಅದರೊಳಗೆ ಯಾವ ಗಂಡಸೂ ಅಡಗಿಲ್ಲ. ‘ಫೀಮೇಲ್’ ಕೂಡ ‘ಮೇಲ್’ನ ಬಾಲವಲ್ಲ, ಲ್ಯಾಟಿನ್ನಿನ ‘ಫೆಮೆಲ್ಲಾ’ ಫ್ರೆಂಚಿನ ಮೂಲಕ ಇಂಗ್ಲಿಷಿಗೆ ಬಂದು, ನೆರೆಯ ಶಬ್ದದ ಸಹವಾಸದಿಂದ ಕಾಗುಣಿತ ಕೆಡಿಸಿಕೊಂಡಿತು. ಹಳೆಯ ಇಂಗ್ಲಿಷಿನಲ್ಲಿ ‘ಮನ್’ ಎಂದರೆ ಮನುಷ್ಯ. ಗಂಡಸಿಗೆ ‘ವೆರ್’ ಎಂಬ ಬೇರೆ ಮಾತಿತ್ತು. ನಿಮ್ಮ ಪಟ್ಟಿಗೆ ನಾನೇ ಎರಡು ಸೇರಿಸುತ್ತೇನೆ. 2021ರ ಜನವರಿಯಲ್ಲಿ ಅಮೆರಿಕದ ಪ್ರತಿನಿಧಿ ಸಭೆಯ ಸದಸ್ಯರೊಬ್ಬರು, ಸ್ವತಃ ಪಾದ್ರಿಯಾದವರು, ಸದನದ ಪ್ರಾರ್ಥನೆಯನ್ನು ‘ಆಮೆನ್ ಮತ್ತು ಅವುಮನ್’ ಎಂದು ಮುಗಿಸಿದರು. ಹೀಬ್ರೂವಿನ ಆಮೆನ್‌ಗೂ ಇಂಗ್ಲಿಷಿನ ಮೆನ್‌ಗೂ ಯಾವ ನಂಟೂ ಇಲ್ಲವೆಂಬುದು ಅವರಿಗೆ ತಿಳಿಯದೇ ಇರಲಿಕ್ಕಿಲ್ಲ. 1976ರಲ್ಲಿ ನ್ಯೂಯಾರ್ಕ್ ರಾಜ್ಯದ ಮಹಿಳೆಯೊಬ್ಬರು ತಮ್ಮ ‘ಕೂಪರ್‌ಮನ್’ ಎಂಬ ಕುಲನಾಮವನ್ನು ‘ಕೂಪರ್‌ಪರ್ಸನ್’ ಎಂದು ಬದಲಿಸಿಕೊಡಿ ಎಂದು ನ್ಯಾಯಾಲಯಕ್ಕೆ ಹೋದಾಗ ನ್ಯಾಯಾಧೀಶರು ಅರ್ಜಿಯನ್ನು ತಳ್ಳಿಹಾಕಿದರು. ಮೇಲ್ಮನವಿಯಲ್ಲಿ ಆಕೆ ಗೆದ್ದರು. ‘ಪರ್ಸನ್’ನ ಕೊನೆಯಲ್ಲಿ ‘ಸನ್’ ಒಬ್ಬ ಕೂತಿದ್ದಾನಲ್ಲ ಎಂದು ನಕ್ಕವರಿಗೂ ಕಡಿಮೆಯಿರಲಿಲ್ಲ.

ಇಷ್ಟು ಒಪ್ಪಿದ ಮೇಲೆ ಕೇಳುತ್ತೇನೆ: ಹರ್‌ಸ್ಟೋರಿ ಎಂದವರಿಗೆ ನಿಘಂಟು ತೆರೆದು ನೋಡಲು ಬರುತ್ತಿರಲಿಲ್ಲವೆಂದು ನೀವು ಹೇಗೆ ತೀರ್ಮಾನಿಸಿದಿರಿ? ಆ ಮಾತನ್ನು 1970ರಲ್ಲಿ ಅಚ್ಚಿನಲ್ಲಿ ಬಳಸಿ ಹರಡಿದವರು ರಾಬಿನ್ ಮಾರ್ಗನ್. ಕವಿ, ಸಂಪಾದಕಿ, ಶಬ್ದಗಳ ನಡುವೆಯೇ ಬದುಕಿದವರು. ಅವರಿದ್ದ ಬಳಗ 1968ರಲ್ಲಿ ನ್ಯೂಯಾರ್ಕಿನಲ್ಲಿ ಹುಟ್ಟಿದಾಗ ಇಟ್ಟುಕೊಂಡ ಹೆಸರು ‘ವಿಚ್’, ಅಂದರೆ ಮಾಟಗಾತಿ. ಅದರ ಐದು ಅಕ್ಷರಗಳ ವಿಸ್ತರಣೆಯನ್ನು ಅವರು ಸಂದರ್ಭಕ್ಕೆ ತಕ್ಕಂತೆ ಬದಲಿಸುತ್ತಿದ್ದರು. ಟೆಲಿಫೋನ್ ಕಂಪನಿಯ ಹೆಣ್ಣುಮಕ್ಕಳ ಪರವಾಗಿ ನಿಂತ ದಿನ ಅದು ‘ಟೆಲಿಫೋನ್ ಕಂಪನಿಯ ಕಿರುಕುಳದಿಂದ ಕೆರಳಿದ ಹೆಂಗಸರು’ ಎಂದಾಯಿತು. ಇನ್ನೊಂದು ದಿನ ‘ಹರ್‌ಸ್ಟೋರಿ ಎಸಗಲು ಪ್ರೇರಿತರಾದ ಹೆಂಗಸರು’ ಎಂದಾಯಿತು. ಅಪರಾಧ ಎಸಗುತ್ತಾರಲ್ಲ, ಹಾಗೆ ಚರಿತ್ರೆ ಎಸಗುವುದು. ಇದು ನಿರುಕ್ತವಲ್ಲ ಮೇಷ್ಟ್ರೇ, ಕೀಟಲೆ. ಕೀಟಲೆಗೆ ವ್ಯಾಕರಣದಿಂದ ಉತ್ತರ ಕೊಡಹೋದವರು ಎಲ್ಲ ಕಾಲದಲ್ಲೂ ನಗೆಗೀಡಾಗಿದ್ದಾರೆ.

ಕೀಟಲೆ ಫಲ ಕೊಟ್ಟದ್ದಕ್ಕೂ ಸಾಕ್ಷಿಯಿದೆ. ಅಮೆರಿಕದ ಹವಾಮಾನ ಇಲಾಖೆ 1953ರಿಂದ ಚಂಡಮಾರುತಗಳಿಗೆಲ್ಲ ಹೆಂಗಸರ ಹೆಸರನ್ನೇ ಇಡುತ್ತಿತ್ತು. ಫ್ಲಾರಿಡಾದ ರಾಕ್ಸಿ ಬೋಲ್ಟನ್ ಎಂಬ ಹೋರಾಟಗಾರ್ತಿ, ‘ಹರಿಕೇನ್’ ಏಕೆ, ‘ಹಿಮಿಕೇನ್’ ಆಗಲಿ ಎಂದರು. ರಸ್ತೆ ಸೇತುವೆಗಳಿಗೆ ತಮ್ಮ ಹೆಸರಿಡಿಸಿಕೊಳ್ಳಲು ಸೆನೆಟರುಗಳಿಗೆ ಇಷ್ಟವಲ್ಲವೇ, ಬಿರುಗಾಳಿಗೂ ಅವರದೇ ಹೆಸರಿಡಿ ಎಂದರು. ಹರಿಕೇನ್ ಕೆರಿಬಿಯನ್ ಮೂಲನಿವಾಸಿಗಳ ಮಾತಿನಿಂದ ಸ್ಪ್ಯಾನಿಷ್ ಮೂಲಕ ಬಂದದ್ದು, ಅದರಲ್ಲಿ ‘ಹರ್’ ಇಲ್ಲ ಎಂದು ನೀವು ಪತ್ರ ಬರೆಯುತ್ತಿದ್ದಿರಿ. ಇಲಾಖೆ ಮಾತ್ರ 1979ರಿಂದ ಅಟ್ಲಾಂಟಿಕ್ ಚಂಡಮಾರುತಗಳಿಗೆ ಗಂಡಸರ ಹೆಸರನ್ನೂ ಸರದಿಯಲ್ಲಿ ಇಡತೊಡಗಿತು.

ನಿಮ್ಮ ಪತ್ರದಲ್ಲಿ ನನಗೆ ಹೆಚ್ಚು ಚುಚ್ಚಿದ ವಾಕ್ಯ ಬೇರೆ. ‘ಹೀ ಎಂಬುದರಲ್ಲಿ ಶೀ ಸೇರಿದೆ ಎಂಬುದು ಸರ್ವಸಮ್ಮತವಾಗಿದ್ದ ಸರಳ ನಿಯಮ’ ಎಂದಿದ್ದೀರಿ. ಲಿಂಗದ ಮೇಲೆ ಇಂಗ್ಲಿಷಿನಲ್ಲಿ ಆಡಿದ ಅತಿ ದೊಡ್ಡ ಶ್ಲೇಷೆ ಇದೇ. ಇದನ್ನು ಆಡಿದವರು ಸ್ತ್ರೀವಾದಿಗಳಲ್ಲ, ಶಾಸಕರು ಮತ್ತು ನ್ಯಾಯಾಧೀಶರು. ಹದಿನಾಲ್ಕನೆಯ ಶತಮಾನದಿಂದಲೂ ಇಂಗ್ಲಿಷರು ಒಬ್ಬ ವ್ಯಕ್ತಿಗೆ ‘ದೇ’ ಎನ್ನುತ್ತಲೇ ಬಂದಿದ್ದರು. ಷೇಕ್ಸ್‌ಪಿಯರ್ ಅಂದಿದ್ದಾನೆ, ಜೇನ್ ಆಸ್ಟೆನ್ ಅಂದಿದ್ದಾಳೆ. ಪುಲ್ಲಿಂಗವೇ ಇಬ್ಬರಿಗೂ ಸಲ್ಲುತ್ತದೆ ಎಂದು 1745ರಲ್ಲಿ ವ್ಯಾಕರಣ ಪುಸ್ತಕದಲ್ಲಿ ಬರೆದವರು ಆ್ಯನ್ ಫಿಶರ್ ಎಂಬ ಶಾಲಾ ಶಿಕ್ಷಕಿ. ಹೆಂಗಸೇ! ಇದನ್ನು ನಿಮ್ಮ ಪಕ್ಷಕ್ಕೆ ಒಂದು ಅಂಕ ಎಂದು ಬರೆದುಕೊಳ್ಳಿ. ಬ್ರಿಟಿಷ್ ಸಂಸತ್ತು 1850ರಲ್ಲಿ ಅದನ್ನು ಕಾಯ್ದೆ ಮಾಡಿತು. ನಮ್ಮಲ್ಲಿ 1897ರ ಜನರಲ್ ಕ್ಲಾಸಸ್ ಕಾಯ್ದೆಯ 13ನೆಯ ಕಲಮಿನಲ್ಲಿ ಅದೇ ಮಾತಿದೆ: ವಿಷಯಕ್ಕೋ ಸಂದರ್ಭಕ್ಕೋ ವಿರುದ್ಧವಾಗದಿದ್ದರೆ ಪುಲ್ಲಿಂಗದ ಶಬ್ದಗಳು ಸ್ತ್ರೀಯರನ್ನೂ ಒಳಗೊಳ್ಳುತ್ತವೆ.

ಆ ‘ವಿರುದ್ಧವಾಗದಿದ್ದರೆ’ ಎಂಬ ಹಿತ್ತಿಲ ಬಾಗಿಲನ್ನು ಗಮನಿಸಿ. ಕಾನೂನು ಪದವಿ ಪಡೆದ ರೆಜಿನಾ ಗುಹಾ 1916ರಲ್ಲಿ ಕಲ್ಕತ್ತೆಯಲ್ಲಿ ವಕೀಲಿಕೆಗೆ ಅರ್ಜಿ ಹಾಕಿದರು. ಕಾಯ್ದೆಯಲ್ಲಿ ವಕೀಲನನ್ನು ‘ಹೀ’ ಎಂದಿದೆ, ‘ಹೀ’ಯಲ್ಲಿ ‘ಶೀ’ ಸೇರಿದೆ ಎಂದು ಇನ್ನೊಂದು ಕಾಯ್ದೆ ಹೇಳುತ್ತದೆ, ಹಾಗಾದರೆ ಆಕೆಗೆ ಅಡ್ಡಿಯೇನು? ಹೈಕೋರ್ಟು ಆ ಅರ್ಜಿಯನ್ನು ತಿರಸ್ಕರಿಸಿತು. 1921ರಲ್ಲಿ ಪಾಟ್ನಾದಲ್ಲಿ ಸುಧಾಂಶುಬಾಲಾ ಹಜ್ರಾ ಅವರಿಗೂ ಅದೇ ಗತಿ. ಕೊನೆಗೆ ಹೆಂಗಸರೂ ವಕೀಲರಾಗಬಹುದು ಎಂದು ಹೇಳುವುದಕ್ಕಾಗಿಯೇ 1923ರಲ್ಲಿ ಪ್ರತ್ಯೇಕ ಕಾಯ್ದೆ ತರಬೇಕಾಯಿತು. ಅದೇ ಕಾಲದಲ್ಲಿ ದಂಡಸಂಹಿತೆಯ ‘ಹೀ’ ಮಾತ್ರ ಯಾವ ತಕರಾರೂ ಇಲ್ಲದೆ ಹೆಂಗಸರನ್ನು ಜೈಲಿಗೆ ಕಳಿಸುತ್ತಿತ್ತು. ಈ ಇಬ್ಬಂದಿಯನ್ನು ಇವರಿಗಿಂತ ಬಹಳ ಹಿಂದೆಯೇ ಹೆಂಗಸರ ಮತದಾನದ ಹಕ್ಕಿಗಾಗಿ ಹೋರಾಡಿದ ಅಮೆರಿಕದ ಸೂಸನ್ ಆಂಟನಿ ಎತ್ತಿ ತೋರಿಸಿದ್ದರು. 1872ರ ಚುನಾವಣೆಯಲ್ಲಿ ಮತ ಹಾಕಿದ್ದಕ್ಕಾಗಿ ಆಕೆಯನ್ನು ಬಂಧಿಸಿದರು. ವಿಚಾರಣೆಗೆ ಮೊದಲು ಊರೂರು ಸುತ್ತಿ ಆಕೆ ಕೇಳಿದ್ದು ಇದನ್ನೇ: ತೆರಿಗೆಯ ಕಾಯ್ದೆಯಲ್ಲೂ ದಂಡನೆಯ ಕಾಯ್ದೆಯಲ್ಲೂ ಇರುವುದು ‘ಹೀ’ ತಾನೆ, ಮತದಾನದ ‘ಹೀ’ ನಾವಲ್ಲದಿದ್ದರೆ ತೆರಿಗೆಯ ‘ಹೀ’ ನಾವು ಹೇಗಾದೆವು? ನ್ಯಾಯಾಲಯ ನೂರು ಡಾಲರ್ ದಂಡ ವಿಧಿಸಿತು. ಆಕೆ ಅದನ್ನು ಕಟ್ಟಲೇ ಇಲ್ಲ. ಹಕ್ಕಿಗೆ ಗಂಡಸು, ಶಿಕ್ಷೆಗೆ ಇಬ್ಬರೂ: ನಿಮ್ಮ ಸರಳ ನಿಯಮದ ನಡವಳಿಕೆ ಇದು. ಇದರ ಮುಂದೆ ಹರ್‌ಸ್ಟೋರಿ ಯಾವ ಮಹಾ ಅತಿರೇಕ?

‘ಇವುಗಳಿಂದ ಯಾರ ಬದುಕೂ ಬದಲಾಗಿಲ್ಲ’ ಎಂಬ ಮಾತಿಗೆ ಬರುತ್ತೇನೆ. ಅಮೆರಿಕದ ಇಥಾಕಾ ಎಂಬ ಊರಿನ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಕಾರ್ಮಿಟಾ ವುಡ್ ಎಂಬಾಕೆ ಕಚೇರಿ ಕೆಲಸದಲ್ಲಿದ್ದರು. ಮೇಲಿನ ಅಧಿಕಾರಿಯೊಬ್ಬನ ಮೈಮುಟ್ಟುವ ಚಾಳಿಯನ್ನು ತಾಳಲಾರದೆ, ಎಂಟು ವರ್ಷದ ನೌಕರಿ ಬಿಟ್ಟು ನಿರುದ್ಯೋಗ ಭತ್ಯೆಗೆ ಅರ್ಜಿ ಹಾಕಿದರು. ಕೆಲಸ ಬಿಟ್ಟದ್ದೇಕೆ ಎಂಬ ಜಾಗ ಅರ್ಜಿಯಲ್ಲಿ ಖಾಲಿ ಉಳಿಯುವಂತಿರಲಿಲ್ಲ. ಆದದ್ದನ್ನು ಹೇಳಲು ನಾಚಿಕೆ. ಹೇಳೋಣವೆಂದರೆ ಅದಕ್ಕೊಂದು ಹೆಸರೂ ಇಲ್ಲ. ವೈಯಕ್ತಿಕ ಕಾರಣ ಎಂದರು. ಭತ್ಯೆ ಸಿಗಲಿಲ್ಲ. ಆಗ ಅಲ್ಲಿ ಪಾಠ ಮಾಡುತ್ತಿದ್ದ ಲಿನ್ ಫಾರ್ಲಿ ಮತ್ತು ಅವರ ಗೆಳತಿಯರು 1975ರಲ್ಲಿ ಕೂತು, ಬೆದರಿಕೆ, ಬಲವಂತ, ಶೋಷಣೆ ಎಂದೆಲ್ಲ ಒಂದೊಂದೇ ಶಬ್ದವನ್ನು ಎತ್ತಿ ಇಟ್ಟು, ಮಾತಿನಲ್ಲಿ ಆಗುವುದರಿಂದ ಹಿಡಿದು ಕೈಯಲ್ಲಿ ಆಗುವುದರವರೆಗೆ ಎಲ್ಲವನ್ನೂ ಹಿಡಿಯಬಲ್ಲ ಒಂದನ್ನು ಆರಿಸಿದರು: ‘ಸೆಕ್ಷುಯಲ್ ಹರಾಸ್‌ಮೆಂಟ್’. ಅದೇ ಮಾತು 1997ರಲ್ಲಿ ನಮ್ಮ ಸುಪ್ರೀಂ ಕೋರ್ಟಿನ ವಿಶಾಖಾ ತೀರ್ಪಿಗೆ ಬಂತು, 2013ರಲ್ಲಿ ಕಾಯ್ದೆಯ ಹೆಸರಿನೊಳಗೇ ಬಂತು. ನೀವು ನಿವೃತ್ತರಾದ ಕಾಲೇಜಿಗೆ ಒಮ್ಮೆ ಹೋಗಿ ಸೂಚನಾಫಲಕ ನೋಡಿ. ‘ಲೈಂಗಿಕ ಕಿರುಕುಳ’ ದೂರು ಸಮಿತಿಯ ಸದಸ್ಯರ ಹೆಸರು, ಫೋನ್ ನಂಬರು ಅಲ್ಲಿರಬೇಕು. ಇಲ್ಲದಿದ್ದರೆ ಪ್ರಾಂಶುಪಾಲರಿಗೂ ನಾಲ್ಕು ಪುಟಗಳ ಪತ್ರ ಬರೆಯಿರಿ. ಇಥಾಕಾದ ಆ ಹೆಂಗಸರು ಹೊಸೆದ ಪದ ಅದು.

ಹೆಸರಿಡುವುದರಲ್ಲಿ ನಾವೂ ಹಿಂದೆ ಬಿದ್ದಿಲ್ಲ. ಆದರೆ ಮುಚ್ಚಿಡಲು ಇಟ್ಟೆವು. ಭಾರತದ ಇಂಗ್ಲಿಷಿನದೇ ಸೃಷ್ಟಿಯಾದ ‘ಈವ್ ಟೀಸಿಂಗ್’ ನಿಮ್ಮ ಪಟ್ಟಿಯಲ್ಲಿ ಏಕಿಲ್ಲ? ಬೀದಿಯಲ್ಲಿ ಹುಡುಗಿಯ ಮೈಮೇಲೆ ಕೈಹಾಕುವ ಅಪರಾಧಕ್ಕೆ ಬೈಬಲ್ಲಿನ ಹೆಣ್ಣಿನ ಹೆಸರು ಹಚ್ಚಿ, ಅವಳೇ ಮರುಳುಮಾಡಿದವಳು ಎಂಬ ಸೂಚನೆಯನ್ನೂ ಸೇರಿಸಿ, ತಮಾಷೆಯ ಬಣ್ಣ ಬಳಿದ ಪದ ಅದು. 2023ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ನ್ಯಾಯಾಧೀಶರಿಗಾಗಿ ಪ್ರಕಟಿಸಿದ ಕೈಪಿಡಿ ಈ ಪದವನ್ನು ಬಿಟ್ಟು ‘ಬೀದಿಯ ಲೈಂಗಿಕ ಕಿರುಕುಳ’ ಎನ್ನಿ ಎಂದಿತು. ನಮ್ಮ ಪತ್ರಿಕೆಗಳು ಇಂದಿಗೂ ‘ಯುವತಿಯನ್ನು ಚುಡಾಯಿಸಿದ ಆರೋಪ’ ಎಂದೇ ಬರೆಯುತ್ತವೆ. ತಂಗಿಯ ಜಡೆ ಎಳೆದ ಅಣ್ಣನಿಗೂ ಅದೇ ಕ್ರಿಯಾಪದ, ಬಸ್ಸಿನಲ್ಲಿ ಹಿಂಬಾಲಿಸಿ ಬಂದವನಿಗೂ ಅದೇ.

‘ಮ್ಯಾನ್‌ಸ್ಪ್ಲೇನಿಂಗ್’ ಗಂಡುಜಾತಿಗೆ ಮಾಡಿದ ಅವಮಾನ ಎನ್ನುತ್ತೀರಿ. ಆ ಪದದ ಹಿಂದಿನ ಪ್ರಸಂಗ ಕೇಳಿ. ರೆಬೆಕಾ ಸೋಲ್ನಿಟ್ ಎಂಬ ಲೇಖಕಿ ಕೊಲರಾಡೋದ ಒಂದು ಔತಣದಲ್ಲಿ, ತಾವು ಛಾಯಾಗ್ರಾಹಕ ಮೈಬ್ರಿಜ್‌ನ ಬಗ್ಗೆ ಪುಸ್ತಕ ಬರೆದಿರುವುದಾಗಿ ಹೇಳತೊಡಗಿದರು. ಮನೆಯ ಯಜಮಾನ ತಡೆದು, ಮೈಬ್ರಿಜ್‌ನ ಮೇಲೆ ಈ ವರ್ಷ ಬಹುಮುಖ್ಯ ಪುಸ್ತಕವೊಂದು ಬಂದಿದೆ, ಗೊತ್ತೇ ಎಂದು ಅದರ ಗುಣಗಾನಕ್ಕೆ ತೊಡಗಿದ. ಆ ಪುಸ್ತಕ ಅವರದೇ. ಜೊತೆಗಿದ್ದ ಗೆಳತಿ ಹಾಗೆಂದು ಮತ್ತೆ ಮತ್ತೆ ಹೇಳಿದ ಮೇಲೆ ಅವನ ಕಿವಿಗೆ ಅದು ಬಿತ್ತು. ಅವನು ಪುಸ್ತಕವನ್ನು ಓದಿಯೂ ಇರಲಿಲ್ಲ, ಪತ್ರಿಕೆಯ ವಿಮರ್ಶೆ ಓದಿದ್ದ. 2008ರಲ್ಲಿ ಸೋಲ್ನಿಟ್ ಇದನ್ನು ಬರೆದರು. ಪದವನ್ನು ಟಂಕಿಸಿದವರು ಅವರಲ್ಲ, ಓದಿದ ಯಾರೋ. ಅದನ್ನು ಕೇಳಿದ ಹೆಂಗಸರಿಗೆಲ್ಲ ಅರ್ಥ ವಿವರಿಸುವ ಅಗತ್ಯವೇ ಬೀಳಲಿಲ್ಲ ಎಂಬುದೇ ಆ ಪದದ ಯೋಗ್ಯತಾಪತ್ರ.

ಕನ್ನಡಕ್ಕೆ ಈ ರಗಳೆ ಬೇಡ ಎಂದಿರಲ್ಲ. ‘ಅವರು’ ನಮ್ಮ ಭಾಗ್ಯ, ಒಪ್ಪಿದೆ. ಆದರೆ ಮದುವೆಯಾಗಿದೆಯೇ ಇಲ್ಲವೇ ಎಂದು ಹೇಳದೆ ಹೆಂಗಸೊಬ್ಬಳ ಹೆಸರನ್ನು ಅಚ್ಚು ಹಾಕಲು ನಮಗಿನ್ನೂ ಬರುವುದಿಲ್ಲ. ಹೋದ ವರ್ಷ ಒಂದು ಜಿಲ್ಲಾ ಕವಿಗೋಷ್ಠಿಯ ಸಂಘಟಕರು ನಮ್ಮ ಕಚೇರಿಗೆ ಫೋನ್ ಮಾಡಿ, ನಾವು ಪ್ರಕಟಿಸುತ್ತಿದ್ದ ಕವಯಿತ್ರಿಯೊಬ್ಬರು ‘ಕುಮಾರಿಯೋ ಶ್ರೀಮತಿಯೋ’ ಎಂದು ಕೇಳಿದರು. ಆಹ್ವಾನಪತ್ರಿಕೆ ಪ್ರೆಸ್ಸಿನಲ್ಲಿ ಕಾಯುತ್ತಿದೆಯಂತೆ. ಎರಡೂ ಬೇಡ, ಬರೀ ಹೆಸರು ಹಾಕಿ ಎಂದೆ. ಮರ್ಯಾದೆಗೆ ಕಡಿಮೆಯಾಗುತ್ತದೆ ಸಾರ್ ಎಂದರು. ಅಚ್ಚಾಗಿ ಬಂದ ಪತ್ರಿಕೆಯಲ್ಲಿ ಹದಿನಾಲ್ಕು ಗಂಡುಕವಿಗಳಿಗೆ ‘ಶ್ರೀ’ ಇತ್ತು, ಆಕೆಗೆ ‘ಕು./ಶ್ರೀಮತಿ’ ಎಂದು ನಡುವೆ ಗೆರೆ ಹಾಕಿ ಎರಡನ್ನೂ ಇಟ್ಟಿದ್ದರು.

ಇಂಗ್ಲಿಷರು ಈ ತೊಡಕನ್ನು ಬಿಡಿಸಿಕೊಂಡದ್ದು ನೀವು ‘ಉಚ್ಚರಿಸಲಾಗದ ಪದ’ ಎಂದು ಹೀಗಳೆದ ‘ಮಿಝ್’ (Ms.) ನಿಂದಲೇ. ಮಿಸ್ಸೋ ಮಿಸೆಸ್ಸೋ ತಿಳಿಯದಾಗ ಎರಡಕ್ಕೂ ಒಗ್ಗುವ ಈ ರೂಪವಿರಲಿ ಎಂದು 1901ರಲ್ಲೇ ಮ್ಯಾಸಚೂಸೆಟ್ಸಿನ ಒಂದು ಪತ್ರಿಕೆ ಸೂಚಿಸಿತ್ತು, ಯಾರೂ ಕಿವಿಗೊಡಲಿಲ್ಲ. 1961ರಲ್ಲಿ ಷೀಲಾ ಮೈಕೆಲ್ಸ್ ಅದನ್ನು ಕೊಠಡಿಯ ಗೆಳತಿಗೆ ಬಂದ ಅಂಚೆಯ ವಿಳಾಸದಲ್ಲಿ ಕಂಡು ಮುದ್ರಣದೋಷವೆಂದುಕೊಂಡರು. ಆಮೇಲೆ ವರ್ಷಗಟ್ಟಲೆ ಅದನ್ನೇ ಪ್ರಚಾರ ಮಾಡಿದರು. ನ್ಯೂಯಾರ್ಕ್ ಟೈಮ್ಸ್ ಮಾತ್ರ ನಿಮ್ಮಂತೆಯೇ ಹಟ ಹಿಡಿದಿತ್ತು. 1984ರಲ್ಲಿ ಉಪಾಧ್ಯಕ್ಷ ಸ್ಥಾನಕ್ಕೆ ನಿಂತ ಜೆರಾಲ್ಡೀನ್ ಫೆರಾರೋ ಅವರ ಗಂಡನ ಮನೆಹೆಸರು ಜಕಾರೋ. ಪತ್ರಿಕೆ ಅವರನ್ನು ‘ಮಿಸೆಸ್ ಫೆರಾರೋ’ ಎಂದು ಬರೆಯುತ್ತ ಹೋಯಿತು. ಆ ಹೆಸರು ಸಲ್ಲುವುದು ಆಕೆಯ ತಾಯಿಗೆ! 1986ರ ಜೂನಿನಲ್ಲಿ ಆ ಪತ್ರಿಕೆಯೂ ಮಣಿಯಿತು.

ಬ್ಯಾಟರ್ ವಿಚಾರ ಚಿಕ್ಕದು. ಕ್ರಿಕೆಟ್ಟಿನ ನಿಯಮ ಬರೆಯುವ ಎಂ.ಸಿ.ಸಿ.ಯೇ 2021ರ ಸೆಪ್ಟೆಂಬರಿನಲ್ಲಿ ಹಾಗೆ ಬದಲಿಸಿತು. ಬೌಲರ್, ಫೀಲ್ಡರ್ ಎನ್ನುವಾಗ ಇಲ್ಲದ ಕಷ್ಟ ಬ್ಯಾಟರ್‌ನಲ್ಲಿ ಏಕೆ ಬಂತೋ ನನಗೆ ತಿಳಿಯದು. ನಮ್ಮ ಪುಟದಲ್ಲಿ ಅದು ಹಾಗೆಯೇ ಇರುತ್ತದೆ.

ಕೊನೆಯದಾಗಿ, ನೀವು ನಾಲ್ಕು ಪುಟ ಖರ್ಚು ಮಾಡಲು ತಕ್ಕ ಒಂದು ವಾಕ್ಯ ತೋರಿಸುತ್ತೇನೆ. 1860ರ ಭಾರತೀಯ ದಂಡಸಂಹಿತೆಯ 8ನೆಯ ಕಲಂ, ‘ಹೀ’ ಎಂಬ ಸರ್ವನಾಮವು ಗಂಡು ಹೆಣ್ಣು ಇಬ್ಬರಿಗೂ ಸಲ್ಲುತ್ತದೆ ಎಂದಿತ್ತು. ವಸಾಹತು ಕಾಲದ ಭಾಷೆಯನ್ನೇ ಕಳಚುತ್ತೇವೆಂದು ಹೊಸದಾಗಿ ಬರೆದು 2024ರ ಜುಲೈ 1ರಿಂದ ಜಾರಿಗೆ ತಂದ ಭಾರತೀಯ ನ್ಯಾಯ ಸಂಹಿತೆಯ ಇಂಗ್ಲಿಷ್ ಪಾಠದಲ್ಲಿ, ‘ಹೀ’ ಎಂಬುದು ಗಂಡು, ಹೆಣ್ಣು ಮತ್ತು ಲಿಂಗತ್ವ ಅಲ್ಪಸಂಖ್ಯಾತರಿಗೂ ಸಲ್ಲುತ್ತದೆ ಎಂದಿದೆ. ನೂರ ಅರವತ್ತು ವರ್ಷ ಕಳೆದ ಮೇಲೂ ಬೇರೆ ಶಬ್ದ ಹುಡುಕುವ ಗೋಜಿಗೆ ಹೋಗದೆ, ಹಳೆಯ ‘ಅವನು’ವಿನೊಳಕ್ಕೆ ಇನ್ನಷ್ಟು ಜನರನ್ನು ತುರುಕಿದ್ದಾರೆ. ಇದರಲ್ಲಿ ಶಬ್ದವಿವೇಕ ಎಷ್ಟಿದೆ ಎಂದು ನೀವು ಬರೆದು ಕಳಿಸಿದರೆ ಒಂದಕ್ಷರವನ್ನೂ ಕತ್ತರಿಸದೆ ಪ್ರಕಟಿಸುತ್ತೇನೆ. ಅದಕ್ಕೆ ನನ್ನ ಉತ್ತರವೂ ಇರುವುದಿಲ್ಲ.

— ಸಂಪಾದಕ