ಜನವರಿಯಲ್ಲಿ ಪ್ರಾವಿಡೆನ್ಸಿಗೆ ಬರೋ ತಮ್ಮನಿಗೆ

"ಅಕ್ಕ, ಜನವರಿ ಕೊನೆಗೆ ಅಮೆರಿಕದ ಪ್ರಾವಿಡೆನ್ಸಿಗೆ ಓದೋಕೆ ಬರ್ತಿದೀನಿ, ಒಬ್ಬರೂ ಪರಿಚಯ ಇಲ್ಲ. ಚಳಿ ತಡೀಬಹುದಾ? ಅಲ್ಲಿಯವರು ನಮ್ಮನ್ನ ಸೇರಿಸ್ಕೋತಾರಾ?" ಅಂತ ಕೇಳಿದೀಯ.

ಚಳಿದೇನೂ ದೊಡ್ಡ ವಿಷಯ ಅಲ್ಲ. ಜಾಕೆಟ್ಟು, ಬೂಟು ಊರಲ್ಲಿ ಕೊಳ್ಳಬೇಡ, ಇಲ್ಲಿ ಬಂದು ತಗೋ. ಮೈನಸ್ ಹತ್ತಕ್ಕೂ ಸಾಕು ಅಂತ ಬೆಂಗಳೂರಲ್ಲಿ ಕೊಟ್ಟ ಜಾಕೆಟ್ಟು ನನ್ನನ್ನ ಬಸ್‌ಸ್ಟಾಪಿನವರೆಗೂ ಕಾಯಲಿಲ್ಲ. ಎರಡನೇ ಪ್ರಶ್ನೆಗೆ ಮಾತ್ರ ಈ ಊರು ಕಟ್ಟಿದವನ ಕತೆ ಹೇಳಬೇಕು. ಅವನೂ ಜನವರಿ ಹಿಮದಲ್ಲೇ ದಿಕ್ಕಿಲ್ಲದೆ ಹೊರಟವನು.

ರೋಜರ್ ವಿಲಿಯಮ್ಸ್ ಅಂತ, ಲಂಡನ್ನಿನ ಪಾದ್ರಿ. 1631ರ ಫೆಬ್ರವರಿಯಲ್ಲಿ ಹೆಂಡತಿ ಮೇರಿ ಜೊತೆ ಬಾಸ್ಟನ್ನಿನಲ್ಲಿ ಹಡಗಿಳಿದ. ಅಲ್ಲಿನ ಚರ್ಚು ಕರೆದು ಕೆಲಸ ಕೊಟ್ರೆ, ನೀವಿನ್ನೂ ಇಂಗ್ಲೆಂಡಿನ ಚರ್ಚಿಗೆ ಅಂಟ್ಕೊಂಡಿದೀರ, ಬೇಡ ಅಂದ. ಹೊಂದ್ಕೊಂಡು ಹೋಗೋ ಆಸಾಮಿಯೇ ಅಲ್ಲ. ಆಮೇಲೆ ಎರಡು ಮಾತು ಹಿಡ್ಕೊಂಡ. ದೇವರ ವಿಷಯಕ್ಕೆ ಸರ್ಕಾರ ಯಾರನ್ನೂ ದಂಡಿಸಕೂಡದು ಅನ್ನೋದು ಒಂದು. ಈ ನೆಲ ಮೂಲನಿವಾಸಿಗಳದ್ದು, ಅದನ್ನ ದಾನ ಮಾಡೋಕೆ ಇಂಗ್ಲೆಂಡಿನ ರಾಜ ಯಾರು ಅನ್ನೋದು ಇನ್ನೊಂದು. 1635ರ ಅಕ್ಟೋಬರಿನಲ್ಲಿ ಬಾಸ್ಟನ್ ಸೇರಿದ್ದ ಮ್ಯಾಸಚೂಸೆಟ್ಸ್ ವಸಾಹತಿನವರು ಗಡೀಪಾರು ಮಾಡಿದರು. (ಆ ಆದೇಶ ರದ್ದಾಗಿದ್ದು 1936ರಲ್ಲಿ. ನಮ್ಮ ತಾಲ್ಲೂಕು ಕಚೇರಿನ ಇನ್ನು ಬೈಯಬೇಡ.)

ಹಡಗು ಹತ್ತಿಸಿ ವಾಪಸ್ ಕಳಿಸ್ತಾರೆ ಅಂತ ಸುಳಿವು ಸಿಕ್ಕಿದ್ದೇ, ಮನೇಲಿ ಹೆಂಡತಿ, ಕೈಕೂಸು ಬಿಟ್ಟು ಕಾಡು ಹಿಡಿದ. ಹದಿನಾಲ್ಕು ವಾರ ಅನ್ನ ಹಾಸಿಗೆ ಅಂದ್ರೇನು ಅಂತ ಗೊತ್ತಿರಲಿಲ್ಲ ಅಂತ ಮುದುಕನಾದ ಮೇಲೂ ಕಾಗದದಲ್ಲಿ ಬರ್ಕೊಂಡಿದಾನೆ. ಉಳಿಸಿದ್ದು ವಾಂಪನೋಗ್ ಜನರ ಮುಖಂಡ ಮ್ಯಾಸಸೋಯಿಟ್. ವಸಂತದಲ್ಲಿ ಸೀಕಾಂಕ್ ಅನ್ನೋ ಕಡೆ ಬಿತ್ತಿದ. ಅದು ನಮ್ಮ ಗಡಿ, ಹೊಳೆ ದಾಟಪ್ಪಾ ಅಂತ ಪ್ಲಿಮತ್ ಅನ್ನೋ ಇನ್ನೊಂದು ಇಂಗ್ಲಿಷ್ ವಸಾಹತಿನವರ ಕಾಗದ ಬಂತು. ಬೆಳೆ ಹೋಯ್ತು. ದಾಟಿದ ಮೇಲೆ ನ್ಯಾರಗ್ಯಾನ್ಸೆಟ್ ಜನರ ಹಿರಿಯರಾದ ಕೆನಾನಿಕಸ್, ಮಿಯಾಂಟೊನೊಮಿ ಜಾಗ ಕೊಟ್ಟರು. ಪತ್ರದಲ್ಲಿ ಒಬ್ಬರ ರುಜು ಬಿಲ್ಲು, ಇನ್ನೊಬ್ಬರದು ಬಾಣ. 1636ರ ಪ್ರಾವಿಡೆನ್ಸ್ ಅಂದ್ರೆ ಅಷ್ಟೇ.

ನನಗೆ ಇಷ್ಟ ಆಗೋದು ಅವನ ವಾದಗಳಿಗಿಂತ ಅವನ ಕಿವಿ. ಹೊಗೆ ತುಂಬಿದ ಮೂಲನಿವಾಸಿಗಳ ಗುಡಿಸಲುಗಳಲ್ಲಿ ಕೂತು ಅವರ ಮಾತು ಕಲಿತ. 1643ರಲ್ಲಿ ಇಂಗ್ಲೆಂಡಿಗೆ ಹೋಗುವಾಗ, ಮರೆತುಹೋಗದಿರಲಿ ಅಂತ ಹಡಗಿನಲ್ಲೇ ಅದನ್ನೆಲ್ಲ ಬರೆದಿಟ್ಟು ಪುಸ್ತಕ ಮಾಡಿಸಿದ. ಮೊದಲ ಅಧ್ಯಾಯ ನಮಸ್ಕಾರದ್ದು, ಎರಡನೆಯದು ಊಟ ಉಪಚಾರದ್ದು, ಮೂರನೆಯದು ಮಲಗೋದರದ್ದು. ಊಟ ಮಾಡ್ತಿರುವಾಗ ಯಾರೇ ಒಳಗೆ ಬರಲಿ, ಎಷ್ಟೇ ಕಮ್ಮಿ ಇರಲಿ, ಇದ್ದಿದ್ದರಲ್ಲೇ ಅವರಿಗೂ ಕೊಡ್ತಾರೆ ಅಂತ ಬರೆದಿದಾನೆ. ನಮ್ಮ ಅಜ್ಜಿ ಮನೆ ನೆನಪಾಯ್ತು. ಅದರಲ್ಲೇ ನೊಕೆಹಿಕ್ ಅಂತ ಒಂದು ಬರತ್ತೆ. ಹುರಿದ ಮೆಕ್ಕೆಜೋಳ ಬೀಸಿದ ಹಿಟ್ಟು, ನೀರಲ್ಲಿ ಕಲಸಿದರೆ ಊಟ ಮುಗೀತು. ಇನ್ನೂರು ಜನರ ಜೊತೆ ನೂರು ಮೈಲಿ ಕಾಡು ನಡೆದಾಗ ಒಬ್ಬೊಬ್ಬರ ಬೆನ್ನಿಗೂ ಇದರದ್ದೇ ಒಂದು ಪುಟ್ಟ ಬುಟ್ಟಿ ಇತ್ತಂತೆ. ಹುರಿಹಿಟ್ಟು ಕಣೋ!

ನಾನು ಮೊದಲ ಎರಡು ವರ್ಷ ಇಲ್ಲಿಯವರನ್ನ ಏನೂ ಕೇಳಲಿಲ್ಲ. ಶನಿವಾರ ಬಂತಂದ್ರೆ ಕಾರು ಹತ್ತಿ ಬಾಸ್ಟನ್ ಕಡೆ ಕನ್ನಡದವರ ಮನೆಗೆ ಹೋಗೋದು, ಭಾನುವಾರ ರಾತ್ರಿ ಅಳುಮುಖದಲ್ಲಿ ವಾಪಸ್ ಬರೋದು. ಮೂರನೇ ವರ್ಷ, ಕೆಳಗಿನ ಮನೆಯ ಪೋರ್ಚುಗೀಸ್ ಅಜ್ಜಿ ಹಿತ್ತಲಲ್ಲಿ ಕುಯ್ತಿದ್ದ ಸೊಪ್ಪಿನ ಹೆಸರು ಕೇಳಿದೆ. "ಕೋವ್" ಅಂದಳು. ಸಂಜೆ ಅದರ ಸೂಪು ಬಂತು, ನನಗೋಸ್ಕರ ಮಾಂಸ ಹಾಕದೆ. ಬಟ್ಟಲು ಖಾಲಿ ಕೊಡಬಾರದಲ್ಲ, ಚಿತ್ರಾನ್ನ ತುಂಬಿ ಕೊಟ್ಟೆ.

ಹಾಗಂತ ವಿಲಿಯಮ್ಸನನ್ನ ದೇವರು ಮಾಡಬೇಡ. ಮ್ಯಾಸಸೋಯಿಟ್‌ನ ಮಗ ಮೆಟಾಕಾಮ್ 1675ರಲ್ಲಿ ಇಂಗ್ಲಿಷರ ಮೇಲೆ ಯುದ್ಧಕ್ಕೆ ನಿಂತ. ಆ ಡಿಸೆಂಬರಿನಲ್ಲಿ ಇಂಗ್ಲಿಷರ ಪಡೆ ನ್ಯಾರಗ್ಯಾನ್ಸೆಟ್ ಜನರ ಕೋಟೆಗೆ ನುಗ್ಗಿ ನೂರಾರು ಜನರನ್ನ ಕೊಂದಿತು. ಮಾರ್ಚಿನಲ್ಲಿ ನ್ಯಾರಗ್ಯಾನ್ಸೆಟ್ ಜನ ಪ್ರಾವಿಡೆನ್ಸಿಗೆ ಬೆಂಕಿಯಿಟ್ಟರು, ವಿಲಿಯಮ್ಸನ ಮನೆಯೂ ಸುಟ್ಟಿತು. ಆಮೇಲೆ ಸೆರೆಸಿಕ್ಕ ಮೂಲನಿವಾಸಿಗಳನ್ನ ಜೀತಕ್ಕೆ ಮಾರಿದ ದುಡ್ಡನ್ನ ಊರವರಿಗೆ ಹಂಚಿದ ಸಮಿತಿಯಲ್ಲಿ ಇವನೂ ಇದ್ದ. ನನಗದು ಇವತ್ತಿಗೂ ಗಂಟಲಲ್ಲಿ ಇಳಿಯಲ್ಲ. ಪ್ರಾಸ್ಪೆಕ್ಟ್ ಟೆರೇಸ್ ಗುಡ್ಡದ ಮೇಲೆ ಅವನ ಕಲ್ಲಿನ ಪ್ರತಿಮೆ ಊರಿಗೆ ಕೈಚಾಚಿ ನಿಂತಿದೆ. ಸಂಜೆ ಹೊತ್ತು ಹೋಗು, ನೋಟ ಚೆನ್ನಾಗಿದೆ. ಆದರೆ ಆಗಸ್ಟಿನಲ್ಲಿ ಇದೇ ರಾಜ್ಯದ ಚಾರ್ಲ್ಸ್‌ಟೌನಿನಲ್ಲಿ ನ್ಯಾರಗ್ಯಾನ್ಸೆಟ್ ಜನರ ಜಾತ್ರೆಯಾಗತ್ತೆ, ಅದಕ್ಕೂ ಹೋಗು. ಸೇರಿಸ್ಕೋತಾರಾ ಅಂತ ಕೇಳುವಾಗ 'ಅಲ್ಲಿಯವರು' ಅಂದೆಯಲ್ಲ, ಆ ಮಾತು ಮೊದಲು ಸಲ್ಲೋದು ಅವರಿಗೆ.

ಬಾಸ್ಟನ್ ವಿಮಾನ ನಿಲ್ದಾಣದಿಂದ ಬಸ್ಸಿದೆ. ಇಳಿದ ತಕ್ಷಣ ಫೋನ್ ಮಾಡು. ದಾರೀಲಿ ತಿಂದುಕೊಂಡು ಬರಬೇಡ, ಹಾಸಿಗೆ ಹಾಸಿರ್ತೀನಿ. ಅಮ್ಮನಿಗೆ ಹೇಳಿ ಒಂದು ಸೇರು ಹುರಿಹಿಟ್ಟು ತಾ. ಕೆಳಗಿನ ಅಜ್ಜಿಗೂ ಸ್ವಲ್ಪ ಕೊಡಬೇಕು.