ದುರ್ಗದ ತಮ್ಮನಿಗೆ, ಯುಟ್ರೆಕ್ಟ್‌ನಿಂದ

ನೀನು ಬರೆದದ್ದನ್ನು ನಿಧಾನವಾಗಿ ಓದಿದೆ. ಐಂಡ್‌ಹೋವನ್‌ನಲ್ಲಿ ಕೆಲಸಕ್ಕೆ ಸೇರಿ ಇನ್ನೂ ವರ್ಷ ಆಗಿಲ್ಲ. ಬೆಂಗಳೂರಿನಲ್ಲಿ ನೀನು ಇಷ್ಟಪಟ್ಟ ಹುಡುಗ ಇದ್ದಾನೆ. ಅವನನ್ನು ಕರೆಸಿಕೊಂಡು ಇಲ್ಲಿ ಎಲ್ಲರ ಹಾಗೆ ಸಂಸಾರ ಮಾಡಬಹುದಾ ಅಂತ ಕೇಳಿದ್ದೀಯ. ಚಿತ್ರದುರ್ಗದಲ್ಲಿ ಅಮ್ಮ "ಇದೆಲ್ಲ ಫಾರಿನ್ನಿನವರ ಚಾಳಿ, ನಮ್ಮ ಧರ್ಮದಲ್ಲಿ ಇಲ್ಲ" ಅನ್ನುತ್ತಾರೆ, ಅವರಿಗೆ ಏನು ಹೇಳಲಿ ಅಂತ ಕೇಳಿದ್ದೀಯ. ಇಲ್ಲಿರುವ ನಮ್ಮ ಕನ್ನಡದವರ ಜೊತೆ ಹೇಗಿರಬೇಕು ಅನ್ನುವುದೂ ಇದೆ. ಅಣ್ಣಾ ಅಂತ ಕರೆದಿದ್ದೀಯ, ಹಾಗಾಗಿ ನೀನು ಅಂತಲೇ ಬರೆಯುತ್ತೇನೆ. ನಾನು ದಾವಣಗೆರೆಯವನು, ಪಿ.ಜೆ. ಬಡಾವಣೆ. ಈ ನೆದರ್‌ಲ್ಯಾಂಡ್ಸ್ ದೇಶದಲ್ಲೇ ತಲೆಕೂದಲು ಬೆಳ್ಳಗಾಯಿತು. ನನ್ನ ಗಂಡ ಇಲ್ಲಿಯವನು.

ಮೊದಲು ಕಾಗದದ ಮಾತು. ಮನೆಯವರು ಒಪ್ಪಲು ವರ್ಷಗಟ್ಟಲೆ ಬೇಕು, ಕಾಗದಕ್ಕೆ ಕೆಲವು ತಿಂಗಳು ಸಾಕು. ಆದ್ದರಿಂದ ಮನೆಯವರು ಒಪ್ಪಲಿ ಅಂತ ಕಾಗದವನ್ನು ಕಾಯಿಸಬೇಡ. ಹೀಗೆ ಕಾಯುತ್ತಾ ಕೂತು ಒಬ್ಬರನ್ನೊಬ್ಬರು ಕಳೆದುಕೊಂಡವರನ್ನು ನೋಡಿದ್ದೇನೆ.

ಹುಡುಗನನ್ನು ಕರೆಸಿಕೊಳ್ಳಲು ಮದುವೆ ಆಗಿರಲೇಬೇಕು ಅಂತಿಲ್ಲ. ನೀನು ಬಂದಿರುವುದು ಪರಿಣತ ಕೆಲಸಗಾರರ ಪರ್ಮಿಟ್ ಮೇಲೆ. ಅದರಲ್ಲಿ ಮದುವೆ ಆಗದ ಸಂಗಾತಿಯನ್ನೂ ಕರೆಸಬಹುದು, ಗಂಡು ಹೆಣ್ಣು ಅನ್ನುವ ಭೇದ ಇಲ್ಲ. ಸಂಬಂಧ ನಿಜವಾದದ್ದು ಅಂತ ತೋರಿಸಬೇಕು, ಒಂದೇ ಮನೆಯಲ್ಲಿ ವಾಸ ಮಾಡಬೇಕು, ಇಬ್ಬರಿಗೂ ಬೇರೆ ಮದುವೆ ಆಗಿಲ್ಲ ಅನ್ನುವುದಕ್ಕೆ ಪತ್ರ ಬೇಕು. ಸಾಮಾನ್ಯವಾಗಿ ಕಂಪನಿಯವರೇ ಇಲ್ಲಿನ ವಲಸೆ ಇಲಾಖೆಗೆ, ಅಂದರೆ ಐಎನ್‌ಡಿಗೆ, ಅರ್ಜಿ ಹಾಕುತ್ತಾರೆ. ಎಚ್ಆರ್ ಮುಂದೆ ಬಾಯಿ ಬಿಡಲು ಹೆದರಬೇಡ. ಅವರಿಗೆ ಇದು ದಿನದ ಕೆಲಸ, ಹುಬ್ಬು ಕೂಡ ಏರಿಸುವುದಿಲ್ಲ. ಅವನಿಗೆ ಪರ್ಮಿಟ್ ಸಿಕ್ಕಿದ ಮೇಲೆ ಇಲ್ಲಿ ಕೆಲಸವನ್ನೂ ಮಾಡಬಹುದು, ಅದಕ್ಕೆ ಬೇರೆ ಅನುಮತಿ ಬೇಡ.

ಮದುವೆಯನ್ನೇ ಆಗುತ್ತೀವಿ ಅಂದರೆ ಅದೂ ಆಗುತ್ತದೆ. ಇಬ್ಬರಲ್ಲಿ ಒಬ್ಬರು ಈ ದೇಶದ ಪ್ರಜೆ ಆಗಿರಬೇಕು, ಇಲ್ಲವೇ ಇಲ್ಲಿ ವಾಸ ಇರಬೇಕು. ಕನಿಷ್ಠ ಎರಡು ವಾರ ಮುಂಚೆ ಮುನ್ಸಿಪಾಲಿಟಿಗೆ ತಿಳಿಸಬೇಕು. ಸಾಕ್ಷಿಗೆ ಇಬ್ಬರು ಸಾಕು, ನಾಲ್ವರಿಗಿಂತ ಜಾಸ್ತಿ ಇಲ್ಲ. ಪುರೋಹಿತರು, ಛತ್ರ, ಊಟದ ಕಂಟ್ರಾಕ್ಟು ಯಾವುದೂ ಇಲ್ಲ.

ನಮ್ಮ ಮದುವೆಯಲ್ಲಿ ಕರಿ ನಿಲುವಂಗಿ ತೊಟ್ಟ ಹೆಂಗಸೊಬ್ಬರು ಎದುರು ನಿಂತು ಕೇಳಿದರು, ನಾವು ಹೂಂ ಅಂದೆವು, ರಿಜಿಸ್ಟರಿಗೆ ಸಹಿ ಹಾಕಿದೆವು. ಆಫೀಸಿನ ಇಬ್ಬರು ಸಾಕ್ಷಿ. ಮನೆ ಕಡೆಯಿಂದ ಬಂದದ್ದು ನನ್ನ ತಂಗಿ ಒಬ್ಬಳೇ, ಅದೂ ಫೋನಿನ ಪರದೆಯಲ್ಲಿ. ಅಡುಗೆಮನೆ ಬಾಗಿಲಿಗೆ ಚಿಲಕ ಹಾಕಿಕೊಂಡು, ಮಾತು ಹೊರಗೆ ಕೇಳಬಾರದು ಅಂತ ಒಲೆ ಮೇಲೆ ಕುಕ್ಕರ್ ಇಟ್ಟು ನಿಂತಿದ್ದಳು. ನಾವು ಸಹಿ ಹಾಕುವ ಹೊತ್ತಿಗೆ ಸರಿಯಾಗಿ ಕುಕ್ಕರ್ ಕೂಗಿತು. ಗಟ್ಟಿಮೇಳ ಗಟ್ಟಿಮೇಳ ಅಂತ ತಂಗಿ ಅಲ್ಲಿಂದಲೇ ನಕ್ಕಳು. ಆಚೆ ಅಮ್ಮ "ಯಾರ ಜೊತೆನೇ ಮಾತು?" ಅಂದದ್ದೂ ನನಗೆ ಕೇಳಿಸಿತು.

ಈಗ ಈ ದೇಶದ ವಿಷಯ. ಇವರು ಹುಟ್ಟಾ ಉದಾರಿಗಳು ಅಂದುಕೊಳ್ಳಬೇಡ. ಗಂಡು-ಗಂಡು, ಹೆಣ್ಣು-ಹೆಣ್ಣು ಮದುವೆಯನ್ನು ಜಗತ್ತಿನಲ್ಲಿ ಮೊದಲು ಕಾನೂನು ಮಾಡಿದ್ದು ಇವರೇ, ನಿಜ. 2001ರ ಏಪ್ರಿಲ್ 1ರ ಮಧ್ಯರಾತ್ರಿ ಆಮ್‌ಸ್ಟರ್‌ಡ್ಯಾಮ್‌ನ ಮೇಯರ್ ನಾಲ್ಕು ಜೋಡಿಗಳಿಗೆ ಮದುವೆ ಮಾಡಿಸಿದರು. ಆದರೆ ಯುಟ್ರೆಕ್ಟ್‌ಗೆ ಬಂದಾಗ ಡೋಮ್ ಗೋಪುರದ ಹತ್ತಿರ ಕರೆದುಕೊಂಡು ಹೋಗುತ್ತೇನೆ. 1674ರ ಬಿರುಗಾಳಿಗೆ ಅಲ್ಲಿನ ಚರ್ಚಿನ ನಡುಭಾಗ ಕುಸಿದು ಬಿತ್ತು, ಗೋಪುರ ಒಂದು ಕಡೆ, ಚರ್ಚು ಇನ್ನೊಂದು ಕಡೆ ಉಳಿಯಿತು. 1730ರಲ್ಲಿ ಆ ಗೋಪುರದ ಕಾವಲುಗಾರ ಇಬ್ಬರು ಗಂಡಸರು ಕೂಡಿದ್ದರು ಅಂತ ದೂರು ಕೊಟ್ಟ. ಒಬ್ಬನನ್ನು ಹಿಡಿದು ಬಾಯಿ ಬಿಡಿಸಿದರು, ಅವನು ಇನ್ನೊಬ್ಬನ ಹೆಸರು ಹೇಳಿದ, ದೇಶವೆಲ್ಲ ಬೇಟೆ ಶುರುವಾಯಿತು. ಮರುವರ್ಷ ಉತ್ತರದ ಒಂದು ಹಳ್ಳಿ ಕಡೆ ಒಂದೇ ದಿನ 22 ಗಂಡಸರನ್ನು, ಹುಡುಗರನ್ನು ಕೊಂದರು. ಯುಟ್ರೆಕ್ಟ್‌ನಲ್ಲಿ ಸತ್ತವರ ನೆನಪಿಗೆ ಡೋಮ್ ಚೌಕದ ನೆಲದಲ್ಲಿ 1999ರಲ್ಲಿ ಒಂದು ಕಲ್ಲು ಹಾಸಿದ್ದಾರೆ. ಸೈಕಲ್‌ನವರು, ಟೂರಿಸ್ಟ್‌ಗಳು ಅದರ ಮೇಲೇ ಓಡಾಡುತ್ತಾರೆ. ಬಗ್ಗಿ ಓದುವವರು ಕಡಿಮೆ.

1811ರಲ್ಲಿ ನೆಪೋಲಿಯನ್ ಕೈಗೆ ಸಿಕ್ಕಿ ಫ್ರೆಂಚರ ಕಾನೂನು ಬಂದಾಗ ಇದು ಅಪರಾಧ ಅಲ್ಲ ಅಂತ ಆಯಿತು. ಅಷ್ಟಕ್ಕೆ ಮುಗಿಯಲಿಲ್ಲ. 1911ರಲ್ಲಿ ಮತ್ತೊಂದು ಕಲಂ ತಂದರು. ಗಂಡು-ಹೆಣ್ಣು ಕೂಡಲು ವಯಸ್ಸಿನ ಮಿತಿ 16, ಒಂದೇ ಲಿಂಗದವರಿಗೆ 21. ಅದು ಹೋದದ್ದು 1971ರಲ್ಲಿ. ಅಂದರೆ ಇವರೂ ಹೋರಾಡಿಯೇ ಪಡೆದದ್ದು, ಯಾರೂ ತಟ್ಟೆಯಲ್ಲಿ ಇಟ್ಟು ಕೊಡಲಿಲ್ಲ. 1946ರಲ್ಲಿ ಶುರುವಾದ ಸಿಒಸಿ ಅನ್ನುವ ನಮ್ಮಂಥವರ ಸಂಘ ಇವತ್ತಿಗೂ ಕೆಲಸ ಮಾಡುತ್ತಿದೆ. ಹೊಸಬರಿಗೆ ಅಲ್ಲಿ ಪರಿಚಯಗಳು ಸಿಗುತ್ತವೆ, ಮೊದಲ ಚಳಿಗಾಲ ಬರುವ ಮುಂಚೆ ಒಮ್ಮೆ ಹೋಗಿ ಬಾ. ನವೆಂಬರಿನಲ್ಲಿ ನಾಲ್ಕೂವರೆಗೇ ಕತ್ತಲಾಗುವ ಊರಲ್ಲಿ ಒಬ್ಬನೇ ರೂಮಲ್ಲಿ ಕೂತರೆ ತಲೆ ಕೆಡುತ್ತದೆ.

ಚರ್ಚುಗಳೂ ಒಂದೇ ಸಮ ಇಲ್ಲ. ರೆಮಾನ್‌ಸ್ಟ್ರಂಟ್ ಅನ್ನುವ ಸಣ್ಣ ಪಂಗಡ 1986ರಲ್ಲೇ ಇಂಥ ಜೋಡಿಗಳಿಗೆ ಆಶೀರ್ವಾದ ಮಾಡಲು ಒಪ್ಪಿತು. ದೊಡ್ಡ ಪ್ರೊಟೆಸ್ಟೆಂಟ್ ಚರ್ಚು 2004ರಿಂದ ಆಯಾ ಊರಿನ ಸಭೆಯ ತೀರ್ಮಾನಕ್ಕೆ ಬಿಟ್ಟಿದೆ. ಕ್ಯಾಥೊಲಿಕರಿಗೆ 2023ರ ಡಿಸೆಂಬರಿನಲ್ಲಿ ವ್ಯಾಟಿಕನ್ ಆಶೀರ್ವಾದಕ್ಕಷ್ಟೇ ಅನುಮತಿ ಕೊಟ್ಟಿತು, ಮದುವೆಗೆ ಇಲ್ಲ. ಭಾನುವಾರ ಸೈಕಲ್ ಕೂಡ ಹೊಡೆಯದ ಕಟ್ಟಾ ದೈವಭಕ್ತರ ಊರುಗಳು ಈ ದೇಶದ ನಡುವೆಯೇ ಇವೆ. ಅಲ್ಲಿ ಬೆಳೆದ ಹುಡುಗರ ಕಥೆ ಕೇಳಿದರೆ ನಿನಗೆ ನಮ್ಮ ದುರ್ಗವೇ ಪರವಾಗಿಲ್ಲ ಅನ್ನಿಸಬಹುದು. ಬೀದಿಯಲ್ಲಿ ಕೈ ಹಿಡಿದು ನಡೆಯುವಾಗ ರಾತ್ರಿ ಹೊತ್ತು ನಾವಿಬ್ಬರೂ ಇವತ್ತಿಗೂ ಒಮ್ಮೆ ಸುತ್ತ ನೋಡುತ್ತೇವೆ. ಯಾರಾದರೂ ತೊಂದರೆ ಕೊಟ್ಟರೆ 112ಕ್ಕೆ ಫೋನ್ ಮಾಡು, ಸುಮ್ನೆ ನುಂಗಿಕೊಂಡು ಬರಬೇಡ.

ಇನ್ನು ಅಮ್ಮನ ಮಾತು. "ಫಾರಿನ್ನಿನ ಚಾಳಿ" ಅನ್ನುವುದರಲ್ಲಿ ಫಾರಿನ್ನಿನಿಂದ ಬಂದದ್ದು ಒಂದಿದೆ, ಅದು ಇಂಥ ಕೂಟವನ್ನು ಅಪರಾಧ ಮಾಡಿದ 377ನೇ ಕಲಂ. ಇಂಗ್ಲೆಂಡಿನಲ್ಲಿ ಎಂಟನೇ ಹೆನ್ರಿ 1533ರಲ್ಲಿ ಗಲ್ಲಿನ ಕಾನೂನು ಮಾಡಿದ. ಅದೇ ಬುದ್ಧಿಯನ್ನು ಬ್ರಿಟಿಷರು 1860ರ ದಂಡ ಸಂಹಿತೆಯಲ್ಲಿ ನಮ್ಮ ತಲೆಗೆ ಕಟ್ಟಿದರು, 1862ರಿಂದ ಜಾರಿಗೆ ಬಂತು. ತಮ್ಮ ದೇಶದಲ್ಲಿ 1967ರಲ್ಲಿ ಸಡಿಲ ಮಾಡಿಕೊಂಡರು. ನಾವು ಇಟ್ಟುಕೊಂಡೇ ಇದ್ದೆವು. 2009ರಲ್ಲಿ ದೆಹಲಿ ಹೈಕೋರ್ಟ್ ಬೇಡ ಅಂದಿತು, 2013ರಲ್ಲಿ ಸುಪ್ರೀಂ ಕೋರ್ಟ್ ಮತ್ತೆ ತಂದಿತು, 2018ರ ಸೆಪ್ಟೆಂಬರ್ 6ರಂದು ಐವರು ನ್ಯಾಯಾಧೀಶರು ಒಮ್ಮತದಿಂದ ವಯಸ್ಕರ ಒಪ್ಪಿಗೆಯ ಸಂಬಂಧ ಅಪರಾಧ ಅಲ್ಲ ಅಂದರು.

ಹಾಗಂತ ನಮ್ಮ ಪೂರ್ವಜರು ಎಲ್ಲವನ್ನೂ ಒಪ್ಪಿದ್ದರು ಅಂತ ಅಮ್ಮನಿಗೆ ಹೇಳಲು ಹೋಗಬೇಡ. ಖಜುರಾಹೊ ಫೋಟೊ ತೋರಿಸಿ ತಾಯಿಯನ್ನು ಒಪ್ಪಿಸಿದ ಮಗನನ್ನು ನಾನಂತೂ ಕಂಡಿಲ್ಲ. ಮನುಸ್ಮೃತಿಯಲ್ಲಿ ಗಂಡಸರಿಬ್ಬರು ಕೂಡಿದರೆ ಉಟ್ಟ ಬಟ್ಟೆಯಲ್ಲೇ ಸ್ನಾನ ಮಾಡಬೇಕು ಅಂತ ಪ್ರಾಯಶ್ಚಿತ್ತ ಇದೆ. ಅದೇ ಪುಸ್ತಕ ಕನ್ಯೆಯ ಜೊತೆ ಕೂಡಿದ ಹೆಂಗಸಿನ ತಲೆ ಬೋಳಿಸು, ಇಲ್ಲವೇ ಬೆರಳು ಕತ್ತರಿಸು, ಕತ್ತೆ ಮೇಲೆ ಮೆರವಣಿಗೆ ಮಾಡು ಅನ್ನುತ್ತದೆ. ಕಾಮಸೂತ್ರ ಒಂದು ಅಧ್ಯಾಯದಲ್ಲಿ ಇಂಥ ಕೂಟದ ಮಾತನ್ನೂ ಆಡುತ್ತದೆ, ದಂಡದ ಮಾತಿಲ್ಲದೆ. ಎಲ್ಲವೂ ಇತ್ತು ಅನ್ನು, ಸಾಕು. ಇಂಥವರು ಆಗಲೂ ಇದ್ದರು ಅನ್ನುವುದಕ್ಕೆ ಅವರಿಗಾಗಿ ಬರೆದ ದಂಡವೇ ಸಾಕ್ಷಿ. ಇಲ್ಲದವರಿಗೆ ಯಾರು ದಂಡ ಹಾಕುತ್ತಾರೆ?

ನಮ್ಮ ದೇವರುಗಳ ವಿಷಯಕ್ಕೆ ಬಂದರೆ ದಾವಣಗೆರೆ ಮಗ್ಗುಲಲ್ಲೇ ಹರಿಹರ ಇದೆ. 1224ರಲ್ಲಿ ಹೊಯ್ಸಳರ ಕಾಲದಲ್ಲಿ ಪೋಲಾಳ್ವ ಕಟ್ಟಿಸಿದ ಗುಡಿ, ಅರ್ಧ ಶಿವ, ಅರ್ಧ ವಿಷ್ಣು. ನಮ್ಮ ಮಾವ ಪ್ರತಿ ವರ್ಷ ಕಪ್ಪು ಬಟ್ಟೆ ತೊಟ್ಟು ಶಬರಿಮಲೆಗೆ ಹೋಗುತ್ತಾರೆ, ಹರಿಹರಸುತ ಅಂತ ಕೂಗುತ್ತಾರೆ. ಮೋಹಿನಿಯ ಕಥೆ ಬಾಯಿಪಾಠ. ನನ್ನ ವಿಷಯ ಗೊತ್ತಾದ ಮೇಲೆ ಮೂರು ದಿನ ಊಟ ಬಿಟ್ಟರಂತೆ. ವಚನದವರು ಶರಣ ಸತಿ, ಲಿಂಗ ಪತಿ ಅಂದರು. ಗಡ್ಡ ಮೀಸೆಯ ಗಂಡಸೇ ತನ್ನನ್ನು ದೇವರ ಹೆಂಡತಿ ಅಂದುಕೊಳ್ಳುತ್ತಾನೆ. ಅದು ಭಕ್ತಿ ಕಣಪ್ಪ, ಮ್ಯಾರೇಜ್ ಸರ್ಟಿಫಿಕೇಟ್ ಅಲ್ಲ. ಮಠಕ್ಕೆ ನಡೆದುಕೊಳ್ಳುವ ಮನೆ ನಿಮ್ಮದಾದರೆ ಈ ಮಾತನ್ನು ವಾದಕ್ಕೆ ಬಳಸಬೇಡ. ಅಮ್ಮನ ಮನಸ್ಸು ತಿಳಿಯಾಗಿರುವಾಗ ಹಾಗೇ ಒಮ್ಮೆ ಎತ್ತು.

ಅಮ್ಮ ನೋಡಿರುವುದು ಜೋಗಪ್ಪಗಳನ್ನು, ಗಂಡಾಗಿ ಹುಟ್ಟಿ ಸೀರೆ ಉಟ್ಟು ಎಲ್ಲಮ್ಮನ ಸೇವೆ ಮಾಡುವವರನ್ನು. ಸವದತ್ತಿ ಎಲ್ಲಮ್ಮನ ಕೊಡ ಹೊತ್ತು ಮನೆ ಮುಂದೆ ಬಂದರೆ ಮೊರದಲ್ಲಿ ಅಕ್ಕಿ ಹಾಕಿ ಕೈ ಮುಗಿಯುತ್ತಾರೆ. ಅವರಲ್ಲೊಬ್ಬರಾದ ಮಂಜಮ್ಮ ಜೋಗತಿ ಇವರ ಕೊಡದ ಕುಣಿತವನ್ನು ಮೊದಲು ಕಂಡದ್ದು ನಮ್ಮ ದಾವಣಗೆರೆ ಬಸ್‌ಸ್ಟ್ಯಾಂಡ್ ಹತ್ತಿರ. ಅಪ್ಪ ಹಾಡುತ್ತಿದ್ದರೆ ಮಗ ತಲೆ ಮೇಲೆ ಕೊಡ ಹೊತ್ತು ಕುಣಿಯುತ್ತಿದ್ದನಂತೆ. ಮುಂದೆ ಅವರೇ ಜಾನಪದ ಅಕಾಡೆಮಿ ಅಧ್ಯಕ್ಷೆ ಆದರು, 2021ರಲ್ಲಿ ಪದ್ಮಶ್ರೀ ಬಂತು. ಅವರ ಬದುಕು ಬೇರೆ, ನಿನ್ನದು ಬೇರೆ. ನೀನು ಗಂಡಸು, ಗಂಡಸನ್ನು ಇಷ್ಟಪಟ್ಟವನು. ಆದರೂ ಇದನ್ನು ಹೇಳುತ್ತಿದ್ದೇನೆ, ಯಾಕಂದರೆ ಅಮ್ಮ ಸಿಟ್ಟಿನಲ್ಲಿ ಎರಡನ್ನೂ ಕಲಸುತ್ತಾರೆ. ಆಗ ನಿಧಾನವಾಗಿ ಬಿಡಿಸಿ ಹೇಳಬೇಕು, ಜೋಗಪ್ಪಗಳನ್ನು ಕೀಳು ಮಾಡದೆ.

ನಮ್ಮ ಅಮ್ಮ ತುಂಬಾ ದಿನ ಮಾತು ಬಿಟ್ಟಿದ್ದರು. ಒಂದು ದಿನ ಫೋನಿನಲ್ಲಿ, ಮಳೆ ಬೆಳೆ ವಿಚಾರದ ನಡುವೆ, "ಅವನಿಗೆ ಖಾರ ಆಗುತ್ತಾ?" ಅಂದರು. ಅಷ್ಟೇ. ಈಗ ನಾವು ಊರಿಗೆ ಹೋದರೆ ಅಪ್ಪ ಅವನನ್ನು ಬೆಣ್ಣೆ ದೋಸೆಗೆ ಕರೆದುಕೊಂಡು ಹೋಗುತ್ತಾರೆ, ಇನ್ನೊಂದು ಹಾಕಿ ಅಂತ ಒತ್ತಾಯ ಮಾಡುತ್ತಾರೆ. ಪಕ್ಕದ ಮನೆಯವರು ಕೇಳಿದರೆ ಮಾತ್ರ "ಆಫೀಸಿನ ಫ್ರೆಂಡ್" ಅನ್ನುತ್ತಾರೆ. ನನಗೆ ಬೇಜಾರಾಗುತ್ತದೆ. ಅವನಿಗೆ ಆಗುವುದಿಲ್ಲ, ದೋಸೆ ಸಿಕ್ಕರೆ ಸಾಕು ಅವನಿಗೆ.

ಒಂದು ಮಾತು ಮಾತ್ರ ಗಟ್ಟಿಯಾಗಿ ಹೇಳುತ್ತೇನೆ. "ಒಂದು ಮದುವೆ ಆಗಿಬಿಡು, ಎಲ್ಲ ಸರಿ ಹೋಗುತ್ತೆ" ಅಂತ ಹೆಣ್ಣು ನೋಡಲು ಶುರು ಮಾಡುತ್ತಾರೆ. ಒಪ್ಪಬೇಡ. ಹಾಗೆ ಮದುವೆಯಾಗಿ ಹೆಂಡತಿಯನ್ನು ಇಲ್ಲಿಗೆ ಕರೆತಂದವರು ಇದ್ದಾರೆ. ಭಾಷೆ ಬರದ ದೇಶದಲ್ಲಿ ಆ ಹುಡುಗಿ ವರ್ಷಗಟ್ಟಲೆ ತನ್ನಲ್ಲೇ ಏನೋ ಐಬು ಇದೆ ಅಂದುಕೊಂಡು ಬದುಕುತ್ತಾಳೆ. ನಿನ್ನ ಭಯಕ್ಕೆ ಯಾರದೋ ಮಗಳ ಜೀವನ ಯಾಕೆ ಹೋಗಬೇಕು?

ಇಲ್ಲಿನ ಕನ್ನಡದವರಲ್ಲಿ ಒಳ್ಳೆಯವರು ಇದ್ದಾರೆ, ಯುಗಾದಿಗೆ ನಮ್ಮಿಬ್ಬರನ್ನೂ ಕರೆದು ಎಲೆ ಹಾಕಿ ಬಡಿಸುವವರು. ಮಕ್ಕಳನ್ನು ನಮ್ಮಿಂದ ಆಚೆ ಎಳೆದುಕೊಂಡವರೂ ಇದ್ದಾರೆ. ನೀನು ಈಗ ನಮ್ಮ ಕಡೆಯ ಹುಡುಗರ ಜೊತೆ ಮನೆ ಹಂಚಿಕೊಂಡಿದ್ದೀಯ ಅಂದೆ. ಅಮ್ಮನಿಗೆ ನೀನೇ ಹೇಳುವ ತನಕ ಅಲ್ಲಿ ಬಾಯಿ ಬಿಡಬೇಡ. ವಾಟ್ಸಾಪ್‌ನಲ್ಲಿ ಸುದ್ದಿ ನಿನಗಿಂತ ಮುಂಚೆ ದುರ್ಗ ಮುಟ್ಟುತ್ತದೆ, ಅಮ್ಮನಿಗೆ ಅದು ಇನ್ನೊಬ್ಬರ ಬಾಯಿಂದ ಗೊತ್ತಾಗಬಾರದು. ಮನೆ ಡಾಕ್ಟರ ಹತ್ತಿರ ಮಾತ್ರ ಮುಚ್ಚುಮರೆ ಬೇಡ, ಅವರು ಯಾರಿಗೂ ಹೇಳುವ ಹಾಗಿಲ್ಲ. ಜಿಜಿಡಿ ಅನ್ನುವ ಸರ್ಕಾರಿ ಆರೋಗ್ಯ ಕೇಂದ್ರದಲ್ಲಿ ನಮ್ಮಂಥವರಿಗೆ ಲೈಂಗಿಕ ರೋಗಗಳ ಪರೀಕ್ಷೆ ಉಚಿತ.

ಇಲ್ಲಿ ಆದ ಮದುವೆ ಊರಿನಲ್ಲಿ ನಡೆಯುವುದಿಲ್ಲ, ಇದನ್ನು ಮರೆಯಬೇಡ. 2023ರ ಅಕ್ಟೋಬರ್ 17ರಂದು ಸುಪ್ರೀಂ ಕೋರ್ಟ್ ಇಂಥ ಮದುವೆಗೆ ಮಾನ್ಯತೆ ಕೊಡಲು ಒಪ್ಪಲಿಲ್ಲ, ಅದು ಸಂಸತ್ತಿಗೆ ಬಿಟ್ಟದ್ದು ಅಂದಿತು. ಜಂಟಿ ಬ್ಯಾಂಕ್ ಖಾತೆ ತೆರೆಯಲು, ಸಂಗಾತಿಯನ್ನು ನಾಮಿನಿ ಮಾಡಲು ಅಡ್ಡಿಯಿಲ್ಲ ಅಂತ 2024ರ ಆಗಸ್ಟಿನಲ್ಲಿ ಕೇಂದ್ರ ಹಣಕಾಸು ಸಚಿವಾಲಯ ಹೇಳಿದೆ, ಅದನ್ನು ಬಳಸಿಕೊಳ್ಳಿ. ದುರ್ಗದಲ್ಲಿ ನಿನ್ನ ಹೆಸರಿಗೆ ಸೈಟು ಇದೆ ಅಂದೆಯಲ್ಲ, ಅದಕ್ಕೆ ನಡೆಯುವುದು ಅಲ್ಲಿನ ಕಾನೂನೇ. ನೀನು ದುಡಿದು ಕೊಂಡದ್ದಾದರೆ ವಿಲ್ ಬರೆದಿಡು, ಇಬ್ಬರು ಸಾಕ್ಷಿಗಳ ಸಹಿ ಇರಲಿ. ರಿಜಿಸ್ಟರ್ ಕಡ್ಡಾಯ ಅಲ್ಲ, ಆದರೂ ಮಾಡಿಸು, ನಾಳೆ ದಾಯಾದಿಗಳು ಎದ್ದಾಗ ಉಪಯೋಗಕ್ಕೆ ಬರುತ್ತದೆ.

ಈ ತಿಂಗಳೇ ಶುರು ಮಾಡಬೇಕಾದದ್ದು ಜನನ ಪತ್ರ. ನಮ್ಮ ಕಡೆ ಇನಿಷಿಯಲ್ ಗೋಳು ಗೊತ್ತಲ್ಲ, ಪತ್ರದಲ್ಲಿ ಒಂದು ಹೆಸರು, ಪಾಸ್‌ಪೋರ್ಟಿನಲ್ಲಿ ಅಪ್ಪನ ಹೆಸರು, ಊರಿನ ಹೆಸರು ಎಲ್ಲ ಸೇರಿ ಇನ್ನೊಂದು. ನಿನ್ನದು, ಅವನದು ಎರಡನ್ನೂ ತೆಗೆದು ಒಂದೊಂದು ಅಕ್ಷರ ತಾಳೆ ನೋಡು. ತಪ್ಪಿದ್ದರೆ ಮೊದಲು ಊರಿನಲ್ಲಿ ತಿದ್ದಿಸಿ, ಆಮೇಲೆ ವಿದೇಶಾಂಗ ಸಚಿವಾಲಯದ ಅಪೋಸ್ಟಿಲ್‌ಗೆ, ಅಂದರೆ ಪತ್ರ ಅಸಲಿ ಅಂತ ಹೊರದೇಶಕ್ಕೆ ತೋರಿಸುವ ಮುದ್ರೆಗೆ, ಕೊಡಿ. ಅಪೋಸ್ಟಿಲ್ ಆದಮೇಲೆ ತಪ್ಪು ಸಿಕ್ಕಿದರೆ ಮತ್ತೆ ಮೊದಲಿನಿಂದ ಎಲ್ಲ.